ಜಗಲಿಯ ಬೇರು, ಬೇವಿನ ಉಡ

ದೇವರ ಜಗಲಿಯ ಮೇಲೆ ಏನೇನಿದೆ ಎಂದು ಮನೆಯ ಗಂಡಸರನ್ನು ಕೇಳಿ ನೋಡಿ, ಅರ್ಧಕ್ಕರ್ಧ ಜನ ತಡವರಿಸುತ್ತಾರೆ. ನಾವು ಕಣ್ಣು ಮುಚ್ಚಿ ಕೈ ಮುಗಿಯುವವರು. ಊದಿನಕಡ್ಡಿ ಹೆಂಡತಿಯದು, ಗಂಟೆ ನನ್ನದು. ಕರಜಗಿಯ ನಮ್ಮ ಮನೆಯಲ್ಲಿ ಭಕ್ತಿಯ ಹಂಚಿಕೆ ಇಷ್ಟೇ. ಹಾಗಾಗಿ ಮೈಲಾರಲಿಂಗನ ಪಕ್ಕದ ಸಿಂಧೂರದ ಡಬ್ಬಿಯಲ್ಲಿ ಏನಿದೆಯೆಂದು ನಾನು ಸರಿಯಾಗಿ ನೋಡುವಷ್ಟರಲ್ಲಿ, ಅದಕ್ಕೆ ವರ್ಷಗಟ್ಟಲೆ ಕೈ ಮುಗಿದಾಗಿತ್ತು.

ಅದು ಬೇರು. ಅಕ್ಕಲಕೋಟೆಯ ರಸ್ತೆ ಬದಿಯಲ್ಲಿ ಮಾರಿದವನು ಹಾಗೆಂದಿದ್ದ. ಹೆಬ್ಬೆರಳಿನುದ್ದ, ಒಣಗಿ ಕಪ್ಪಾದದ್ದು, ಎರಡು ಪುಟ್ಟ ಕೈಗಳನ್ನು ಜೋಡಿಸಿದಂತೆ ಇತ್ತು. ಹೆಸರೇ ‘ಹಾತಜೋಡಿ’. ಎರಡು ಸಲ ಬಸಿರು ನಿಲ್ಲದ ಮಗಳಿಗಾಗಿ ನನ್ನ ಹೆಂಡತಿ ನೀಲವ್ವ ಅದನ್ನು ತಂದು ಲವಂಗದ ಜೊತೆ ಇಟ್ಟಿದ್ದಳು. ಮೈಂದರ್ಗಿಯಲ್ಲಿರುವ ಮಗಳಿಗೆ ಈಗ ಏಳು ತಿಂಗಳು. ಈ ಬೇರಿನ ಮುಂದೆ ಡಾಕ್ಟರು ಯಾವ ಲೆಕ್ಕ?

ಹೋದ ತಿಂಗಳು ನೀಲವ್ವನ ಅಣ್ಣನ ಮಗಳು ಸುನಂದಾ ಸೊಲ್ಲಾಪುರದಿಂದ ಬಂದಿದ್ದಳು. ಕಾಲೇಜಿನಲ್ಲಿ ಪ್ರಾಣಿಶಾಸ್ತ್ರ ಓದುವ ಹುಡುಗಿ. ಡಬ್ಬಿ ನೋಡಿದವಳೇ ನನ್ನನ್ನು ಹಿತ್ತಲಿಗೆ ಕರೆದಳು.

“ಮಾಮಾ, ಅದು ಬೇರಲ್ರಿ. ಗಂಡು ಉಡದ್ದು.”

“ಉಡದ್ದು ಏನವಾ?”

ಆಕೆ ಬೇವಿನ ಮರದ ತುದಿ ನೋಡತೊಡಗಿದಳು. “ಗಂಡು ಅಂದೆನಲ್ರಿ. ಹಾವಿನಾಂಗ ಉಡಕ್ಕೂ ಜೋಡಿ ಇರ್ತಾವ. ತಿಳ್ಕೋರಿ.”

ತಿಳಿದುಕೊಂಡೆ. ಇಷ್ಟು ದಿನ ನಾವು ಕೈ ಮುಗಿದದ್ದು ಉಡದ ಗಂಡಸುತನಕ್ಕೆ. ಅಷ್ಟಕ್ಕೇ ಬಿಟ್ಟಿದ್ದರೆ ನಗಬಹುದಿತ್ತು. “ಅದು ಹೊರಗ ಬರಲಿ ಅಂತ, ಜೀವ ಇರಾಗನ ಬೆಂಕಿ ಹಿಡಿತಾರ್ರಿ” ಎಂದಳು. ಮನೆಯಲ್ಲಿ ಇಟ್ಟುಕೊಂಡರೂ ಜೈಲು ಎಂದೂ ಹೇಳಿದಳು. ಜೈಲಿನ ಮಾತು ನನಗೆ ಸರಿಯಾಗಿ ಕೇಳಿಸಲಿಲ್ಲ. ಬೆಂಕಿಯಲ್ಲೇ ನಿಂತುಬಿಟ್ಟಿದ್ದೆ.

ಆ ಬೇವಿನ ಪೊಟರೆಯಲ್ಲೇ ಒಂದು ಉಡ ಇದೆ. ಬೆಳಗಿನ ಬಿಸಿಲಿಗೆ ಕಾಂಡಕ್ಕೆ ಮೈಯೊತ್ತಿ ಮಲಗುತ್ತದೆ. ನಾನು ಹತ್ತಿರ ಹೋದರೆ ಓಡುವುದಿಲ್ಲ. ಸದ್ದಿಲ್ಲದೆ ಕಾಂಡದ ಆಚೆ ಬದಿಗೆ ಸರಿಯುತ್ತದೆ, ಸಾಲ ಕೇಳಲು ಬಂದವನನ್ನು ಕಂಡಂತೆ. ಸೀಳು ನಾಲಿಗೆ ಮಾತ್ರ ಹೊರಗೆ ಬಂದು ಹೋಗುತ್ತದೆ. ಅದು ನಾಲಿಗೆಯಿಂದಲೇ ವಾಸನೆ ಹಿಡಿಯುತ್ತದೆಯಂತೆ. ಸುನಂದಾ ಹೋದ ಮೇಲೆ ನನಗೆ ಅದರ ಮುಖ ನೋಡಲಾಗಲಿಲ್ಲ.

ಮೊನ್ನೆ ನೀಲವ್ವನೂ ಅದನ್ನು ಕಂಡಳು. “ರೀ, ಇಲ್ಲೆ ಬರ್ರಿ! ಗಿಡದಾಗ ಘೋರ್ಪಡ ಐತಿ. ಅದು ಹೊಕ್ಕ ಮನಿ ಹಾಳಂತ. ಬಸುರಿ ಮಗಳು ಬಾಣಂತನಕ್ಕ ಬರಾಕಿ ಅದಾಳ. ಚಪಳಗಾಂವಕ್ಕ ಹೇಳಿ ಕಳಿಸ್ರಿ, ಹಿಡಿಯೋರು ಅದಾರ.”

ಹಿಡಿಯುವವರು ಹಿಡಿದು ಏನು ಮಾಡುತ್ತಾರೆಂದು ಈಗ ನನಗೆ ಗೊತ್ತಿತ್ತು. ನಿಜ ಹೇಳಿದರೆ ಡಬ್ಬಿ ಹೊರಗೆ ಹೋಗುತ್ತದೆ. ಆಮೇಲೆ ಮಗಳಿಗೆ ಏನಾದರೂ ಹೆಚ್ಚುಕಡಿಮೆಯಾದರೆ ನೀಲವ್ವ ಎದ್ದು ನಿಲ್ಲಲಾರಳು. ಹೇಳದಿದ್ದರೆ ಉಡ ಹೋಗುತ್ತದೆ.

“ಹಂಗ ಮಾಡಬ್ಯಾಡ,” ಎಂದೆ. “ಆ ಬೇರಿಗೂ ಉಡಕ್ಕೂ ಸಂಬಂಧ ಐತಂತ. ಉಡಕ್ಕ ಏನರ ಆದ್ರ ಬೇರಿನ ಗುಣ ಹೋಗ್ತೈತಿ.”

“ಅಯ್ಯ, ಮೊದಲ ಹೇಳಾಕ ಏನಾಗಿತ್ರಿ? ಬಾಯಾಗ ಹೋಳಿಗಿ ಇಟ್ಕೊಂಡಿದ್ರೇನ?”

ಆ ಮಾತಿನಲ್ಲಿ ಸುಳ್ಳೆಷ್ಟು ಎಂದು ಆಮೇಲೆ ಅಳೆದು ನೋಡಿದೆ. ಸಂಬಂಧದ ಮಟ್ಟಿಗೆ ಒಂದಕ್ಷರವೂ ಸುಳ್ಳಿರಲಿಲ್ಲ.

ಈಗ ದಿನಾ ಬೇವಿನ ಬುಡದಲ್ಲಿ ಒಂದು ಕೋಳಿಮೊಟ್ಟೆ. ಉಡ ಇಳಿದು ಬಂದು, ತಿಂದು, ದೇವರ ಜಗಲಿಯ ಕಿಟಕಿಯತ್ತ ತಲೆಯೆತ್ತಿ ಬಹಳ ಹೊತ್ತು ನಾಲಿಗೆ ಆಡಿಸುತ್ತದೆ. “ನೋಡ್ರಿ, ಅದಕ್ಕೂ ಭಕ್ತಿ ಐತಿ,” ಎನ್ನುತ್ತಾಳೆ ನೀಲವ್ವ.

ಡಬ್ಬಿಯಲ್ಲಿರುವುದನ್ನು ಆ ಮರದ ಬುಡದಲ್ಲೇ ಹೂಳಿಬಿಡಬೇಕೆಂದು ಇವತ್ತು ಬೆಳಿಗ್ಗೆ ಕೈ ಚಾಚಿದೆ. ಮಗಳ ಮುಖ ಕಣ್ಣಿಗೆ ಬಂತು. ಚಾಚಿದ ಕೈ ಹಿಂದಕ್ಕೆ ಬಂದು ಇನ್ನೊಂದು ಕೈಗೆ ಕೂಡಿಕೊಂಡಿತು, ಡಬ್ಬಿಯೊಳಗೆ ಇರುವ ಹಾಗೆಯೇ.