ಮಾವನ ಮೊಬೈಲಿನಲ್ಲಿ ನಮ್ಮ ಸಂಸಾರ

ನನ್ನ ಸೋದರಮಾವ ನನ್ನ ಹೆಸರಿನಲ್ಲಿ ಇನ್ನೊಂದು ಬದುಕು ನಡೆಸುತ್ತಿದ್ದಾರೆ. ನಡೆಸಲಿ, ಅಭ್ಯಂತರವಿಲ್ಲ. ಆದರೆ ನಾನು ನಡೆಸುವುದಕ್ಕಿಂತಲೂ ಕೆಟ್ಟದಾಗಿ ನಡೆಸುತ್ತಿದ್ದಾರಲ್ಲ, ನನ್ನ ಹೊಟ್ಟೆ ಉರಿಯುವುದು ಅದಕ್ಕೆ!

ಇಷ್ಟೇ ಹೇಳಿದರೆ ಯಾರಿಗೂ ಅರ್ಥವಾಗಲಿಕ್ಕಿಲ್ಲ. ಮಾವ ಎಂದರೆ ನನ್ನ ಅಮ್ಮನ ತಮ್ಮ. ಮುಂಬೈಯ ಒಂದು ಹೋಟೆಲಿನ ಗಲ್ಲೆಯಲ್ಲಿ ಕುಳಿತು ಆಯುಷ್ಯದ ದೊಡ್ಡ ಪಾಲು ಕಳೆದವರು. ಯಾವ ಟೇಬಲಿಗೆ ನೀರು ಹೋಗಿಲ್ಲ, ಯಾವ ಸಪ್ಲಯರ್ ಹಿಂದಿನ ಬಾಗಿಲಲ್ಲಿ ಬೀಡಿ ಎಳೆಯುತ್ತಿದ್ದಾನೆ, ಎಲ್ಲವೂ ಅವರಿಗೆ ಕುಳಿತಲ್ಲಿಂದಲೇ ಗೊತ್ತಾಗುತ್ತಿತ್ತಂತೆ. ಮದುವೆಯಾಗಲಿಲ್ಲ. ಕೇಳಿದರೆ ಪುರುಸೊತ್ತು ಸಿಗಲಿಲ್ಲ ಎನ್ನುತ್ತಾರೆ. ಹೋಟೆಲಿನ ಕೆಲಸ ಬಿಟ್ಟು ಊರಿಗೆ ಬಂದು ವಾಮದಪದವಿನ ಪೇಟೆಗೆ ತಾಗಿಕೊಂಡೇ ಒಂದು ಸಣ್ಣ ಮನೆ ಮಾಡಿದರು. ಮನೆಯೇನೋ ಆಯಿತು, ಆದರೆ ಮೇಲ್ವಿಚಾರಣೆ ಮಾಡುವುದಕ್ಕೆ ಅಲ್ಲಿ ಯಾರಿದ್ದಾರೆ? ಒಂದು ಬೆಕ್ಕು. ಅದು ಮಾವನ ಮಾತು ಕೇಳುವ ಪೈಕಿಯದಲ್ಲ.

ಹೀಗಿರುವಾಗ ಅವರ ಮೊಬೈಲಿಗೆ ಒಂದು ಬೇಸಾಯದ ಆಟ ಬಂದು ಸೇರಿತು. ಗೋಧಿ ಬಿತ್ತಬೇಕು, ಕೋಳಿಗೆ ತೀನಿ ಹಾಕಬೇಕು, ಮೊಟ್ಟೆ ಹೆಕ್ಕಬೇಕು, ಹಾಲು ಕರೆದು ಮಾರಬೇಕು. ಆಡುವವರೆಲ್ಲ ನೆರೆಕರೆಯವರಂತೆ ಒಂದು ಗುಂಪು ಕಟ್ಟಿಕೊಂಡು, ಒಬ್ಬರಲ್ಲಿ ಇಲ್ಲದ್ದನ್ನು ಇನ್ನೊಬ್ಬರು ಕಳಿಸಿಕೊಡಬೇಕು. ಮಾವನ ತಾಳ್ಮೆ ಕೆಟ್ಟದ್ದು ಇಲ್ಲಿಯೇ. ಹೋಟೆಲಿನಲ್ಲಿ ಕೂಗಿದ ಕೂಡಲೇ ಇಡ್ಲಿ ಬರುತ್ತಿದ್ದ ಮನುಷ್ಯನಿಗೆ, ಎಲ್ಲಿಯೋ ಇರುವ ಯಾರೋ ಮೊಟ್ಟೆ ಕಳಿಸುವವರೆಗೆ ಕಾಯುವುದೆಂದರೇನು? ನೆರೆಕರೆಯವರನ್ನು ನಂಬಿ ಕೂತರೆ ಸುಖವಿಲ್ಲವೆಂದು, ನೆರೆಕರೆಯನ್ನು ತಾವೇ ತಯಾರು ಮಾಡಿಬಿಟ್ಟರು!

ಒಂದೇ ಮೊಬೈಲಿನಲ್ಲಿ ಒಂದೇ ಆಟವನ್ನು ಹಲವರ ಹೆಸರಿನಲ್ಲಿ ಆಡಲಿಕ್ಕೂ ಒಂದು ಆ್ಯಪ್ ಉಂಟಂತೆ. ಬಿ.ಸಿ.ರೋಡಿನ ಮೊಬೈಲ್ ಅಂಗಡಿಯವರು ಅದನ್ನು ತೋರಿಸಿಕೊಟ್ಟರು. ಆ ಪುಣ್ಯಾತ್ಮರು ಎದುರಿಗೆ ಸಿಕ್ಕರೆ ನನಗೆ ಎರಡು ಮಾತು ಆಡಲಿಕ್ಕುಂಟು. ಸರಿ, ಅಮ್ಮನ ಹೆಸರಿನಲ್ಲಿ ಒಂದು ಖಾತೆ, ಮೂಡುಬಿದಿರೆಯಲ್ಲಿರುವ ಅಮ್ಮನ ಅಕ್ಕನ ಹೆಸರಿನಲ್ಲಿ ಒಂದು, ನನ್ನದೊಂದು, ನನ್ನ ಗಂಡನದೊಂದು. ತೀರಿಹೋದ ಅಜ್ಜನಿಗೂ ಒಂದು ಮಾಡುವ ಅಂದಾಜಿತ್ತು, ಯಾರ ಫೋನ್ ನಂಬರ್ ಕೊಡುವುದೆಂದು ತೋಚದೆ ಅದು ನಿಂತಿತು. ಮೊಬೈಲಿನಲ್ಲಿ ಜಾಗ ಸಾಲದೆ ಹೋದಾಗ ಗ್ಯಾಸ್ ಬುಕ್ ಮಾಡುವ ಆ್ಯಪನ್ನು ಅಳಿಸಿದರು. ಆಮೇಲೆ ನನ್ನ ಮದುವೆಯ ಫೋಟೋಗಳನ್ನು ಅಳಿಸಿದರು. ನನ್ನನ್ನೇ ಅಲ್ಲಿ ಇಟ್ಟುಕೊಂಡ ಮೇಲೆ ಫೋಟೋ ಯಾಕೆ ಎಂಬುದು ಅವರ ವಾದ. ಇಷ್ಟು ಸಂಸಾರ ಹೊತ್ತ ಮೊಬೈಲು ಬಿಸಿಯೇರಿ ದೋಸೆ ಕಾವಲಿಯಂತಾಗುತ್ತಿತ್ತು. ಆಗ ಅದನ್ನು ನೀರಿನ ಹೂಜಿಗೆ ಒರಗಿಸಿ, ತಣಿಯುವವರೆಗೆ ತಾವು ಬೀಸಣಿಗೆಯಿಂದ ಗಾಳಿ ಹಾಕುತ್ತಿದ್ದರು. ಬೆಕ್ಕಿಗೂ ಆ ಉಪಚಾರ ಸಿಕ್ಕಿದ್ದಿಲ್ಲ.

ಮಾಡಿದ್ದೆಲ್ಲ ಮಾಡಲಿ. ಆದರೆ ಒಂದೊಂದು ಖಾತೆಗೂ ಅವರವರ ಫೋನ್ ನಂಬರ್ ಬೇಕು. ಆ ನಂಬರಿಗೆ ಒಟಿಪಿ ಬರುತ್ತದೆ. ಆಟ ಅಪ್‌ಡೇಟ್ ಆದರೆ ಮತ್ತೆ ಒಟಿಪಿ, ಮೊಬೈಲು ಬಿಸಿಯಾಗಿ ಆಫ್ ಆದರೆ ಮತ್ತೆ ಒಟಿಪಿ. ನಾನು ಕೆಲಸ ಮಾಡುವುದು ಒಂದು ಸಹಕಾರಿ ಸೊಸೈಟಿಯಲ್ಲಿ. ನನ್ನ ಕುರ್ಚಿಯ ಹಿಂದೆಯೇ 'ಒಟಿಪಿಯನ್ನು ಯಾರಿಗೂ ಹೇಳಬೇಡಿ' ಎಂಬ ದೊಡ್ಡ ಬೋರ್ಡು. ಅದರ ಕೆಳಗೆ ಕುಳಿತು ನಾನು ತಗ್ಗಿದ ದನಿಯಲ್ಲಿ ಮಾವನಿಗೆ ಒಟಿಪಿ ಓದಿ ಹೇಳುತ್ತಿದ್ದೆ. ಕಳ್ಳರು ಕೂಡ ಇದಕ್ಕಿಂತ ಮರ್ಯಾದೆಯಿಂದ ಬದುಕುತ್ತಾರೆ!

ಒಮ್ಮೆ ವಿಟ್ಲದಲ್ಲಿ ನಮ್ಮ ಸದಸ್ಯರಿಗೆ ಮಾಹಿತಿ ಸಭೆ ಇತ್ತು. ಮೊಬೈಲ್ ಮೋಸದ ಬಗ್ಗೆ ಮಾತಾಡುವ ಕೆಲಸ ನನ್ನದು. ಒಟಿಪಿಯ ವಿಷಯಕ್ಕೆ ಬಂದು, ಗಂಡ ಕೇಳಿದರೂ ಹೇಳಬಾರದು, ಮಕ್ಕಳು ಕೇಳಿದರೂ ಹೇಳಬಾರದು ಎಂದು ಒತ್ತಿ ಒತ್ತಿ ಹೇಳುತ್ತಿದ್ದೆ. ಮೇಜಿನ ಮೇಲಿದ್ದ ನನ್ನ ಫೋನು ನಡುಗಿತು. ಮಾವ. ಕಟ್ ಮಾಡಿದೆ. ಪುನಃ ಮಾವ. ಪುನಃ ಕಟ್ ಮಾಡಿದೆ. ಆಗ ವೇದಿಕೆಯಲ್ಲಿದ್ದ ನಮ್ಮ ಅಧ್ಯಕ್ಷರ ಫೋನು ರಿಂಗಾಯಿತು. ಅಧ್ಯಕ್ಷರು ಮಾವನ ಜೊತೆ ಶಾಲೆಯಲ್ಲಿ ಒಂದೇ ಬೆಂಚಿನಲ್ಲಿ ಕುಳಿತವರು. ಮನೆಯಲ್ಲಿ ಏನೋ ಅವಘಡವಾಗಿದೆ ಎಂದುಕೊಂಡು ಅವರು ಗಾಬರಿಯಿಂದ ಫೋನನ್ನು ತಂದು ನನ್ನ ಕಿವಿಗೇ ಹಿಡಿದರು. ಕಿವಿಯ ಪಕ್ಕದಲ್ಲೇ ಮೈಕು.

"ಆರು ಅಂಕೆ ಬಂದದೆ ನೋಡು. ಬೇಗ ಹೇಳು ಮಾರಾಯ್ತಿ, ಈಗ ಹಾಳಾಗ್ತದೆ ಅದು" ಎಂಬ ಮಾವನ ದನಿ ಸಭಾಂಗಣದ ಕೊನೆಯ ಸಾಲಿನವರೆಗೂ ಹೋಯಿತು.

ಮುಂದಿನ ಸಾಲಿನಲ್ಲಿದ್ದ ಹಿರಿಯರೊಬ್ಬರು ಮೆಲ್ಲ ಎದ್ದು ನಿಂತು, ಬಹಳ ವಿನಯದಿಂದ ಕೇಳಿದರು: "ಹಾಗಾದರೆ ಸೋದರಮಾವನಿಗೆ ಹೇಳಬಹುದಾ ಮೇಡಂ?"

ಆವತ್ತಿನಿಂದ ಸೊಸೈಟಿಯಲ್ಲಿ ಮಾಹಿತಿ ಸಭೆಗಳಿಗೆ ನನ್ನನ್ನು ಕಳಿಸುವುದಿಲ್ಲ.

ಆ ಸಿಟ್ಟಿನಲ್ಲಿ ಮುಂದಿನ ಭಾನುವಾರ ವಾಮದಪದವಿಗೆ ಹೋದೆ. ಜಗಳವಾಡಲೆಂದೇ ಹೋದದ್ದು. ಮಾವ ಚಹಾ ಮಾಡಿಕೊಟ್ಟು, ನನ್ನ ಸಿಟ್ಟಿಗೆ ಗಮನವನ್ನೇ ಕೊಡದೆ, ಮೊಬೈಲು ತೆರೆದು ಎಲ್ಲರ ಬೇಸಾಯ ತೋರಿಸಿದರು. ಬೆಳಿಗ್ಗೆ ಅಮ್ಮನ ಖಾತೆಗೆ ಮೊದಲ ಪಾಳಿ, ಯಾಕೆಂದರೆ ಅಮ್ಮ ಬೇಗ ಏಳುವವಳು. ನನ್ನ ಗಂಡನ ಹೊಲವಂತೂ ಕಣ್ಣಿಗೆ ಹಬ್ಬ. ಗೋಧಿ ತೂಗುತ್ತಿದೆ, ದನಗಳು ಕೊಬ್ಬಿವೆ, ಬದಿಯಲ್ಲಿ ಒಂದು ಬೇಕರಿಯೂ ಎದ್ದಿದೆ. ಪೇಟೆಯಿಂದ ಬಸಳೆ ಸೊಪ್ಪು ತನ್ನಿ ಎಂದರೆ ಹರಿವೆ ತರುವ ಗಂಡ ಅವರು! ಆಮೇಲೆ ನನ್ನ ಹೊಲ ಬಂತು. ತುಂಬ ಕಳೆ. ಕೋಳಿಗಳು ಹಸಿದು ಮೂಲೆಯಲ್ಲಿ ಮಲಗಿವೆ.

ಇದೇನು ಹೀಗೆ ಎಂದು ಕೇಳಿದೆ.

"ನೀನು ಹೇಗಿದ್ದೀಯೋ ಹಾಗೆ ಆಡಿಸಬೇಕಲ್ವಾ? ನಾನು ಕೊಟ್ಟ ಕರಿಬೇವಿನ ಗಿಡ ಏನಾಯಿತು ಹೇಳು" ಎಂದರು ಮಾವ.

ಕರಿಬೇವಿನ ಗಿಡ ಒಣಗಿದ್ದು ಹೌದು. ಆದರೆ ಒಂದು ಗಿಡ ಒಣಗಿದ್ದಕ್ಕೆ ಇಡೀ ಹೊಲಕ್ಕೇ ಶಿಕ್ಷೆಯೇ? ಹಾಗಾದರೆ ನನ್ನ ಗಂಡನಿಗೆ ಬೇಕರಿ ಯಾವ ನ್ಯಾಯದಲ್ಲಿ ಎಂದು ಕೇಳಿದೆ. ಅಳಿಯನಲ್ಲವೇ, ಸ್ವಲ್ಪ ಮರ್ಯಾದೆ ಕೊಡಬೇಕಾಗುತ್ತದೆ ಎಂಬ ಉತ್ತರ ಬಂತು. ಮನೆಗೆ ಬಂದು ಗಂಡನಿಗೆ ಹೇಳಿದರೆ ಅವರು ಆ ವಾರವಿಡೀ ಎದೆಯುಬ್ಬಿಸಿ ತಿರುಗಿದರು.

ಇದು ಮನೆಯೊಳಗೇ ಮುಗಿದಿದ್ದರೆ ನುಂಗಿಕೊಳ್ಳುತ್ತಿದ್ದೆ. ಮೂಡುಬಿದಿರೆಯಲ್ಲಿ ನಮ್ಮ ಹತ್ತಿರದವರ ಮದುವೆ. ಊಟದ ಪಂಕ್ತಿಯಲ್ಲಿ ನನ್ನ ಪಕ್ಕ ಬೆಳ್ತಂಗಡಿಯ ಕಡೆಯ ಹೆಂಗಸೊಬ್ಬರು ಕುಳಿತಿದ್ದರು. ನಗುನಗುತ್ತಾ ಪರಿಚಯ ಕೇಳಿದರು, ಹೆಸರು ಹೇಳಿದೆ. ಮಾವನ ಹೆಸರೂ ಬಂತು. ನಗು ಅಲ್ಲಿಗೇ ನಿಂತಿತು. ಅವರೂ ಮಾವನ ಗುಂಪಿನಲ್ಲಿ ನಿಜವಾಗಿಯೇ ಆಡುವವರಂತೆ. ನಾನು ಅವರಲ್ಲಿ ದಿನಾ ಹಾಲು ಕೇಳಿ ತೆಗೆದುಕೊಳ್ಳುತ್ತೇನಂತೆ, ಬದಲಿಗೆ ಒಂದು ಮೊಟ್ಟೆಯನ್ನೂ ಕೊಟ್ಟವಳಲ್ಲವಂತೆ. "ನಿಮ್ಮ ಯಜಮಾನರು ಒಳ್ಳೆಯವರು, ಕೇಳದೆಯೇ ಕಳಿಸ್ತಾರೆ" ಎಂದು ಸೇರಿಸಿ ಅವರು ಸಾರಿನ ಕಡೆಗೆ ತಿರುಗಿದರು. ನಾನು ಜನ್ಮದಲ್ಲಿ ಕಾಣದ ಕೋಳಿಯ, ನಾನು ಕುಡಿಯದ ಹಾಲಿನ ಸಾಲಗಾರಳಾಗಿ ಆ ಪಂಕ್ತಿಯಲ್ಲಿ ತಲೆ ತಗ್ಗಿಸಿ ಕೂರಬೇಕಾಯಿತು.

ಆ ಮದುವೆಯಲ್ಲಿ ನನಗಿದ್ದ ಕಷ್ಟ ಅದೊಂದೇ ಅಲ್ಲ. ಅಮ್ಮ ಕಲ್ಯಾಣ ಮಂಟಪದ ಈ ತುದಿಯಲ್ಲಿ, ದೊಡ್ಡಮ್ಮ ಆ ತುದಿಯಲ್ಲಿ. ಅಕ್ಕ ತಂಗಿಯರ ಮಾತು ನಿಂತು ವರ್ಷಗಳಾಗಿದ್ದವು. ಕಾರಣ ಕೇಳಿದರೆ ನೀವು ನಗುತ್ತೀರಿ. ದೊಡ್ಡಮ್ಮ ತನ್ನ ಮೊಮ್ಮಗನ ನಾಮಕರಣದ ಆಮಂತ್ರಣವನ್ನು ಮನೆಗೆ ಬಂದು ಹೇಳದೆ, ಫೋನೂ ಮಾಡದೆ, ವಾಟ್ಸಾಪಿನಲ್ಲಿ ಕಳಿಸಿದರು. ಒಡಹುಟ್ಟಿದ ತಂಗಿಗೆ, ಊರಿಗೆಲ್ಲ ಕಳಿಸಿದ ಅದೇ ಚಿತ್ರ! ಅಮ್ಮ ಹೋಗಲಿಲ್ಲ. ತಂಗಿ ಬರಲಿಲ್ಲವೆಂದು ದೊಡ್ಡಮ್ಮ ಕೇಳಲೂ ಇಲ್ಲ. ಆ ಮೇಲೆ ಇಬ್ಬರೂ ಬೀಗ ಹಾಕಿದ ಹಾಗೆ ಬಾಯಿ ಮುಚ್ಚಿದರು. ಆದರೆ ಮದುವೆಯಲ್ಲಿ ಪಾಯಸ ಬರುವ ಹೊತ್ತಿಗೆ ಅಮ್ಮ ನನ್ನ ಸೆರಗು ಎಳೆದು, "ಅವಳಿಗೆ ಪಾಯಸ ಬಡಿಸ್ಲಿಕ್ಕೆ ಬಿಡ್ಬೇಡ, ಶುಗರ್ ಉಂಟು. ನಾನು ಹೇಳಿದ್ದು ಅಂತ ಹೇಳ್ಬೇಡ" ಎಂದಳು.

ಮಳೆಗಾಲ ಮುಗಿಯುವ ಹೊತ್ತಿಗೆ ಮಾವನಿಗೆ ಕಣ್ಣಿನ ಪೊರೆಯ ಆಪರೇಷನ್ ಆಯಿತು. ಬೆಳ್ತಂಗಡಿಯಲ್ಲಿ ಮಾಡಿಸಿಕೊಂಡು ನೇರ ಫರಂಗಿಪೇಟೆಗೆ, ನಮ್ಮ ಮನೆಗೆ ಬಂದರು. ಅಮ್ಮ ನಮ್ಮ ಜೊತೆಗೇ ಇರುವುದರಿಂದ ಆರೈಕೆಗೆ ಅನುಕೂಲ. ಆದರೆ ಮೊಬೈಲು ನೋಡಬಾರದು. ಕಪ್ಪು ಕನ್ನಡಕ ಹಾಕಿಕೊಂಡು ಮಲಗಿದ ಮಾವ ಮೊಬೈಲನ್ನು ನನ್ನ ಕೈಗಿಟ್ಟು, ಯಾವ ಖಾತೆಯಲ್ಲಿ ಏನು ಬಿತ್ತಬೇಕು, ಯಾರ ದನಕ್ಕೆ ಯಾವಾಗ ತೀನಿ ಎಂದು ಒಪ್ಪಿಸತೊಡಗಿದರು. ನನ್ನ ಹೊಲವನ್ನು ಮಾತ್ರ ಮುಟ್ಟಬಾರದಂತೆ, ಒಮ್ಮೆಲೇ ಸುಧಾರಿಸಿದರೆ ಜನಕ್ಕೆ ಸಂಶಯ ಬರುತ್ತದಂತೆ! ಪೊರೆ ತೆಗೆಸಿಕೊಂಡ ಮನುಷ್ಯನ ಜೊತೆ ಜಗಳ ಮಾಡಬಾರದೆಂದು ಹಲ್ಲು ಕಚ್ಚಿಕೊಂಡೆ.

ಸಾಲಿನಲ್ಲಿ ದೊಡ್ಡಮ್ಮನ ಖಾತೆ ಮಾತ್ರ ಕಾಣಲಿಲ್ಲ. ಎಲ್ಲಿ ಎಂದು ಕೇಳಿದೆ. ಅದು ಮೂಡುಬಿದಿರೆಗೆ ವರ್ಗ ಆಗಿದೆ ಎಂದರು ಮಾವ. ದೊಡ್ಡಮ್ಮನಿಗೆ ಆಟದ ಮೇಲೆ ಮನಸ್ಸಾಗಿ, ಅವರ ಮೊಬೈಲಿಗೇ ಅದನ್ನು ಹಾಕಿಕೊಟ್ಟಿದ್ದರಂತೆ. ಈಗ ಅವರೇ ಆಡುತ್ತಾರಂತೆ.

ನಾನು ಅಮ್ಮನ ಖಾತೆ ತೆರೆದು ಕೋಳಿಗೆ ತೀನಿ ಹಾಕುತ್ತಿದ್ದಾಗ ಪರದೆಯ ಮೇಲೆ ಒಂದು ಸಂದೇಶ ಎದ್ದಿತು. ಕಳಿಸಿದವರು ದೊಡ್ಡಮ್ಮ. "ವಣಸ್ ಆಂಡಾ?" ಊಟ ಆಯಿತಾ ಎಂದು ತುಳುವಿನಲ್ಲಿ ಕೇಳಿದ್ದರು. ನಾನು ಏನು ಬರೆಯಲಿ ಎಂದು ಯೋಚಿಸುವಷ್ಟರಲ್ಲಿ ಇನ್ನೊಂದು ಬಂತು. ನಿನ್ನೆಯಿಂದ ನಿನ್ನ ಮೊಟ್ಟೆ ಬಂದಿಲ್ಲ, ಹುಷಾರಿಲ್ಲವಾ ಎಂದು.

ನನಗೆ ಮೈ ಉರಿಯಿತು. ಮಾವನ ಮಂಚದ ಬಳಿಗೆ ಹೋಗಿ, ಇದೇನು ಮಾಡಿದ್ದೀರಿ, ದೊಡ್ಡಮ್ಮ ಇಷ್ಟು ದಿನ ಅಮ್ಮನೇ ಎಂದುಕೊಂಡು ನಿಮ್ಮ ಜೊತೆ ಮಾತಾಡುತ್ತಿದ್ದಾರಾ, ಇದು ಮೋಸವಲ್ಲವೇ ಎಂದು ಕೇಳಿದೆ.

ಮಾವ ಕಪ್ಪು ಕನ್ನಡಕವನ್ನು ಮೂಗಿನ ಮೇಲೆ ಸರಿಪಡಿಸಿಕೊಂಡರು.

"ಮೊದಲ ದಿನ ಅವಳು ಕೇಳಿದಳು, ಇದು ನಿಜಕ್ಕೂ ತಂಗಿಯಾ ಅಂತ. ಹೌದು ಅಂದೆ. ಅಲ್ಲ ಅಂತ ಹೇಳ್ಲಿಕ್ಕೆ ಆಗ್ಲಿಲ್ಲ ಮಾರಾಯ್ತಿ. ಸಪ್ಲಯರ್ ರಜೆ ಹಾಕಿದ ಅಂತ ಟೇಬಲಿಗೆ ಊಟ ಕೊಡದೆ ಇರ್ಲಿಕ್ಕೆ ಆಗ್ತದಾ?"

ನನ್ನ ಹಿಂದೆ ಅಮ್ಮ ನಿಂತಿದ್ದಳು. ಮಾವನಿಗೆ ಗಂಜಿ ತಂದವಳು ಎಲ್ಲವನ್ನೂ ಕೇಳಿಸಿಕೊಂಡಿದ್ದಳು. ಗಂಜಿಯ ಬಟ್ಟಲನ್ನು ಸ್ಟೂಲಿನ ಮೇಲಿಟ್ಟು ಕೈ ಚಾಚಿದಳು. ನಾನು ಮೊಬೈಲು ಕೊಟ್ಟೆ. ಈಗ ಮನೆಯ ಮಾಡು ಹಾರುತ್ತದೆ ಎಂದುಕೊಂಡೆ. ಇವನು ನನ್ನ ಹೆಸರಿನಲ್ಲಿ ಏನೆಲ್ಲ ಬರೆದಿದ್ದಾನೆ ಎಂದು ಸಿಡುಕುತ್ತಲೇ ಅವಳು ಕನ್ನಡಕ ಏರಿಸಿಕೊಂಡು ಪರದೆ ನೋಡಿದಳು. ಆ ಎರಡು ಸಾಲನ್ನು ಓದಲು ಅಷ್ಟು ಹೊತ್ತು ಬೇಕಿರಲಿಲ್ಲ. ಮೊಬೈಲು ಹಿಡಿದುಕೊಂಡೇ ಹೋಗಿ ಹಿಂದಿನ ಮೆಟ್ಟಿಲಲ್ಲಿ ಕುಳಿತಳು. ನಾನು ಹಿಂದೆಯೇ ಹೋದೆ.

"ಮೊಟ್ಟೆ ಕಳಿಸುವುದು ಎಲ್ಲಿ ಒತ್ತಿದರೆ?" ಎಂದು ಕೇಳಿದಳು.

ತೋರಿಸಿದೆ. ಇದ್ದಬದ್ದ ಮೊಟ್ಟೆಗಳನ್ನೆಲ್ಲ ಕಳಿಸಿದಳು. ಆಮೇಲೆ ಒಂದೇ ಬೆರಳಿನಲ್ಲಿ ಅಕ್ಷರ ಹುಡುಕಿ ಹುಡುಕಿ ಬರೆದಳು: "ಅಕ್ಕ, ಯಾನ್ ಉಲ್ಲೆ." ನಾನಿದ್ದೇನೆ ಎಂದು. ಅದನ್ನು ಓದಿ ಆ ಕಡೆಯವರಿಗೆ ಏನು ಹೊಳೆಯಿತೋ, ಇಷ್ಟು ದಿನ ಆಟದೊಳಗೆ ಬರೆಯುತ್ತಿದ್ದ ದೊಡ್ಡಮ್ಮ ಈ ಸಲ ಅಮ್ಮನ ಫೋನಿಗೇ ಕರೆ ಮಾಡಿದರು. ನಾನು ಒಳಗಿನಿಂದ ಅದನ್ನು ತಂದುಕೊಟ್ಟೆ. ಅಮ್ಮ ಹಲೋ ಎನ್ನಲಿಲ್ಲ, ಅಕ್ಕ ಎನ್ನಲಿಲ್ಲ. ಆವತ್ತು ಮದುವೆಯಲ್ಲಿ ಪಾಯಸ ತಿಂದಿಯಾ ಎಂದು ಗದರಿಸುತ್ತಾ ಶುರು ಮಾಡಿದಳು.

ಒಳಗೆ ಬಂದಾಗ ಮಾವ ಗೋಡೆಯ ಕಡೆಗೆ ತಿರುಗಿ ಮಲಗಿದ್ದರು. ಹೊರಗೆ ಯಾರ ಜೊತೆ ಮಾತು ಎಂದು ಕೇಳಿದರು. ಹೇಳಿದೆ. ಕಪ್ಪು ಕನ್ನಡಕದ ಅಂಚಿನಿಂದ ಒಂದು ಹನಿ ಇಳಿದು ಕೆನ್ನೆಯ ಮೇಲೆ ನಿಂತಿತು. ಆ ಕಣ್ಣಿಗೆ ನೀರು ತಾಗಲೇಬಾರದೆಂದು ಡಾಕ್ಟರರು ಒತ್ತಿ ಹೇಳಿದ್ದರು. ನಿಮಗೆ ಸ್ವಲ್ಪವೂ ಬುದ್ಧಿ ಇಲ್ಲ ಮಾವ ಎಂದು ಬೈಯುತ್ತಾ, ಹತ್ತಿ ತಂದು, ಕನ್ನಡಕ ಸ್ವಲ್ಪವೇ ಎತ್ತಿ, ಮೆಲ್ಲನೆ ಒತ್ತಿ ತೆಗೆದೆ. ಬೈಯುವುದನ್ನು ನಿಲ್ಲಿಸಲಿಲ್ಲ. ನಿಲ್ಲಿಸಿದರೆ ನನ್ನ ದನಿ ಏನಾಗುತ್ತಿತ್ತೋ ನನಗೇ ಭರವಸೆಯಿರಲಿಲ್ಲ.