ಒಂಬತ್ತು ಕಡ್ಡಿ, ಹತ್ತು ಕಡ್ಡಿ

ಆ ಬೆಕ್ಕು ಎದ್ದು ಆಚೆ ಹೋಗಿದ್ದರೆ ಈ ಕತೆಯೇ ಇರುತ್ತಿರಲಿಲ್ಲ.

ಕುವೈತಿನ ಸಾಲ್ಮಿಯಾದ ಐದು ಮಾಳಿಗೆಯ ಕಟ್ಟಡದ ಎದುರು, ಲಿಗೋರಿಯವರು ಕಾರು ನಿಲ್ಲಿಸುವ ಜಾಗದಲ್ಲಿಯೇ, ಶನಿವಾರ ಬೆಳಿಗ್ಗೆ ಅದು ಕಾಲು ಚಾಚಿ ಮಲಗಿತ್ತು. ಅಷ್ಟೂ ಮನೆಗಳ ಮೀನಿನ ತಲೆ ತಿಂದು ಬೆಳೆದ ಬೆಕ್ಕು, ಹಾರ್ನಿಗೆ ಏಳುವ ಜಾತಿಯದ್ದಲ್ಲ. ಭೋಜ ಹಾರ್ನ್ ಹೊಡೆದ. ಬೆಕ್ಕು ಒಂದು ಕಣ್ಣು ತೆರೆದು ಇವನ ಮುಖ ನೋಡಿ ಮತ್ತೆ ಮುಚ್ಚಿತು. ಪಾಪದ ಮನುಷ್ಯ, ಸ್ಟೇರಿಂಗ್ ಬಲಕ್ಕೆ ಎಳೆದ. ಮುಂದಿನ ಬಲ ಚಕ್ರ ಸಿಮೆಂಟಿನ ಕಟ್ಟೆಗೆ ತಾಗಿತು.

ಟಕ್.

ಅಷ್ಟೇ. ಪಕ್ಕದಲ್ಲಿ ನಿಂತವನಿಗೂ ಕೇಳಿಸದಷ್ಟು ಸಣ್ಣ ಸದ್ದು. ಇಳಿದು ನೋಡಿದರೆ ಅಲಾಯ್ ರಿಮ್ಮಿನ ಅಂಚು ಅಂಗೈಯಗಲ ಬಗ್ಗಿದೆ, ನಡುವೆ ಬಿರುಕು ಬೇರೆ. ಭೋಜನ ಎದೆ ಧಸಕ್ಕೆಂದಿತು. ಏಕೆಂದರೆ ಕಾರು ಅವನದ್ದಲ್ಲ.

ಕಾರು ಎದುರು ಮನೆಯ ಲಿಗೋರಿಯವರದ್ದು. ಸಣ್ಣ ಬಿಳಿ ಸೆಡಾನ್. ವಯಸ್ಸಾಯಿತು, ಆದರೆ ನೋಡಿದವರು ಹಾಗೆ ಹೇಳಲಾರರು. ಪ್ರತಿ ಶುಕ್ರವಾರ, ಅಂದರೆ ಇಲ್ಲಿಯ ವಾರದ ರಜೆಯ ದಿನ, ಇಗರ್ಜಿಯಿಂದ ಬಂದ ಮೇಲೆ ಲಿಗೋರಿ ಹಳೆಯ ಟೂತ್‌ಬ್ರಶ್ ಹಿಡಿದು ಕುಕ್ಕರಗಾಲಿನಲ್ಲಿ ಕೂತು, ಒಂದೊಂದು ಚಕ್ರದ ರಿಮ್ಮಿನ ಹತ್ತು ಹತ್ತು ಕಡ್ಡಿಗಳನ್ನೂ ಉಜ್ಜುತ್ತಿದ್ದರು. ಮಗ ರೂಬೆನನಿಗೂ ಕೀ ಮುಟ್ಟಲು ಬಿಡದ ಮನುಷ್ಯ. ಅಂಥವರು ಮೊಮ್ಮಗುವಿನ ಬ್ಯಾಪ್ಟಿಸಮ್‌ಗೆಂದು ಮಂಗಳೂರಿಗೆ ಹೊರಟಾಗ ಭೋಜನ ಕೈಗೆ ಕೀ ಇಟ್ಟು, "ಪುಷ್ಪನಿಗೆ ಮೊಣಗಂಟಿನ ಆಪರೇಶನ್ ಆಗಿದೆ. ಜಾಬ್ರಿಯಾದ ಆಸ್ಪತ್ರೆಗೆ ಫಿಸಿಯೋಥೆರಪಿಗೆ ಟ್ಯಾಕ್ಸಿ ಹತ್ತಿ ಇಳಿದು ಆಗ್ಲಿಕ್ಕಿಲ್ಲ. ಇದು ನಿನ್ನದೇ ಅಂತ ತಿಳ್ಕೊ" ಅಂದಿದ್ದರು. ಹತ್ತೊಂಬತ್ತು ವರ್ಷದ ಹಿಂದೆ, ಕುವೈತಿಗೆ ಬಂದಿಳಿದ ಮೊದಲ ದಿನ, ಭೋಜನಿಗೆ ಮಲಗಲು ಚಾಪೆ ಕೊಟ್ಟವರೂ ಅವರೇ.

ಅಲ್ಲಿಂದ ದಿನಕ್ಕೊಂದು ಫೋನು. "ಗಾಡಿ ಹೇಗುಂಟು? ಚಕ್ರದ ಗಾಳಿ ನೋಡಿದೆಯಾ? ನಿಧಾನ ಹೋಗು ಮಾರಾಯ, ಪುಷ್ಪ ಕೂತಿರ್ತಾಳೆ." ಕಾರಿನ ಮೇಲೆ ಅವರಿಗೆ ಎಷ್ಟು ಜೀವ ಎಂದು ಭೋಜ ಪ್ರತಿ ಸಲ ಅಂದುಕೊಳ್ಳುತ್ತಿದ್ದ. ಇವತ್ತು ಸಂಜೆ ನಾಲ್ಕಕ್ಕೆ ಅವರ ವಿಮಾನ ಬರುತ್ತದೆ. ಅದಕ್ಕೆಂದೇ ಬೆಳಿಗ್ಗೆ ಕಾರು ತೊಳೆಸಿ, ಪೆಟ್ರೋಲ್ ತುಂಬಿಸಿ ತಂದದ್ದು. ತಂದದ್ದಾಯಿತಲ್ಲ!

ಮೇಲೆ ಹೋಗಿ ಹೆಂಡತಿಗೆ ಹೇಳಿದ. ಪುಷ್ಪಾವತಿ ಕಾಲು ಸ್ಟೂಲಿನ ಮೇಲಿಟ್ಟುಕೊಂಡು ಬೀನ್ಸ್ ಮುರಿಯುತ್ತಿದ್ದಳು.

"ಇದ್ದದ್ದು ಇದ್ದ ಹಾಗೆ ಹೇಳಿಬಿಡಿ. ಅವರೆಂತ ನಿಮ್ಮನ್ನು ತಿಂತಾರಾ?"

"ಬೈದ್ರೆ ಪರವಾಗಿಲ್ಲ ಪುಷ್ಪಾ. ಅವರು ಬೈಯುದಿಲ್ಲ. 'ಆಯ್ತು ಬಿಡು' ಅಂತಾರೆ. ಮತ್ತೆ ಜೀವಮಾನದಲ್ಲಿ ನನ್ನ ಕೈಗೆ ಏನೂ ಕೊಡ್ಲಿಕ್ಕಿಲ್ಲ. ಅದು ನನ್ನಿಂದ ತಡೀಲಿಕ್ಕಾಗುದಿಲ್ಲ."

ಪುಷ್ಪಾವತಿಗೆ ಗಂಡನನ್ನು ನೋಡಿ ಅಯ್ಯೋ ಅನ್ನಿಸಿತು. "ಹಾಗಾದ್ರೆ ನಾಲ್ಕರ ಒಳಗೆ ಅಂಥದ್ದೇ ಒಂದು ರಿಮ್ಮು ಹುಡುಕಿ. ಹಾಂ, ಲಿಗೋರಿ ಪೊರ್ಬುಗಳು ಅಕ್ಕನ ಮಿಡಿ ಉಪ್ಪಿನಕಾಯಿ ತರ್ತಾರೆ, ಮರೀಬೇಡಿ" ಎಂದಳು. ಆಪರೇಶನ್ ಆದಾಗಿನಿಂದ ಅವಳ ಬಾಯಿಗೆ ಯಾವುದೂ ರುಚಿಸುತ್ತಿರಲಿಲ್ಲ. ಎರಡು ತಿಂಗಳಿಂದ ಕಾರ್ಕಳದ ಅಕ್ಕನ ಉಪ್ಪಿನಕಾಯಿಯದ್ದೇ ಧ್ಯಾನ.

ಭೋಜ ಸ್ಟೆಪ್ನಿ ಹಾಕಲು ಕೂತದ್ದೇ ತಡ, ಎರಡನೇ ಮಾಳಿಗೆಯ ಶೈಲೇಶ್ ಬನಿಯನ್ನಿನಲ್ಲೇ ಇಳಿದು ಬಂದ. ಯೂಟ್ಯೂಬ್ ನೋಡಿ ನೋಡಿ ಸಕಲ ವಿದ್ಯೆ ಕಲಿತವನು.

"ಭೋಜಣ್ಣ, ಎಂತ ಟೆನ್ಶನ್? ನಾನು ಉಂಟಲ್ಲ! ಶುವೈಖ್‌ನ ಗ್ಯಾರೇಜು ಸಾಲಿನಲ್ಲಿ ಸಿಗದ ರಿಮ್ಮೇ ಇಲ್ಲ. ಯಲ್ಲಾ, ಹತ್ತಿ."

ಈ "ನಾನು ಉಂಟಲ್ಲ" ಎಂಬ ಮಾತನ್ನು ನಂಬಿ ಹೋದ ಬೇಸಿಗೆಯಲ್ಲಿ ಇಡೀ ಕಟ್ಟಡ ಎರಡು ದಿನ ಎಸಿ ಇಲ್ಲದೆ ಬೆಂದಿತ್ತು. ಆದರೂ ಭೋಜ ಹತ್ತಿದ. ಕಷ್ಟದಲ್ಲಿರುವವನಿಗೆ ಆರಿಸಿಕೊಳ್ಳಲು ಏನಿರುತ್ತದೆ, ಹೇಳಿ.

ಶುವೈಖ್‌ನ ಮೊದಲ ಅಂಗಡಿಯಲ್ಲಿ ಶೈಲೇಶ್ ತೋರಿಸಿದ್ದು ಎತ್ತಿನ ಗಾಡಿಯ ಚಕ್ರದಷ್ಟು ದೊಡ್ಡ ಕಪ್ಪು ರಿಮ್ಮು. "ಲುಕ್ ನೋಡಿ ಭೋಜಣ್ಣ!"

"ಇದಕ್ಕೆ ಐದು ತೂತು ಉಂಟು ಮಾರಾಯ. ನಮ್ಮ ಕಾರಿಗೆ ನಾಲ್ಕೇ ಬೋಲ್ಟು."

ಎರಡನೇ ಅಂಗಡಿಯಲ್ಲಿ ನಾಲ್ಕು ತೂತಿನದ್ದೇ ಸಿಕ್ಕಿತು. ಇಟ್ಟು ನೋಡಿದರೆ ಒಂದು ತೂತಿಗೆ ಬೋಲ್ಟು ಹೊಂದಿದರೆ ಇನ್ನೊಂದಕ್ಕೆ ಇಲ್ಲ. ತೂತು ನಾಲ್ಕಿದ್ದರೆ ಸಾಲದು, ಅವುಗಳ ನಡುವಿನ ಅಂತರವೂ ಸರಿಯಾಗಬೇಕಂತೆ. ಮೂರನೆಯ ಕಡೆ ಅಂತರವೂ ಸರಿಬಂತು, ಆದರೆ ಹಾಕಿದ ಮೇಲೆ ಚಕ್ರ ಮಡ್ಗಾರ್ಡಿನಿಂದ ನಾಲ್ಕು ಬೆರಳು ಹೊರಗೆ ಬಂತು. "ಫೊಟೋದಲ್ಲಿ ಗೊತ್ತಾಗುದಿಲ್ಲ" ಎಂದ ಶೈಲೇಶ್. ಭೋಜ ಕೈ ಮುಗಿದ. ಹೆಣ್ಣು ನೋಡಲು ಹೋದಾಗಲೂ ತಾನು ಇಷ್ಟೊಂದು ಹೊಂದಾಣಿಕೆ ನೋಡಿರಲಿಲ್ಲವೆಂದು ಅವನಿಗೆ ನೆನಪಾಯಿತು. ಪುಷ್ಪಾವತಿ ಚಾ ಕೊಟ್ಟು ನಕ್ಕಿದ್ದಳು, ಅಷ್ಟಕ್ಕೇ ಆಗಿಹೋಗಿತ್ತು.

ಹನ್ನೆರಡೂವರೆಗೆ ಸಿಕ್ಕಿದ್ದು ಉಪ್ಪಿನಂಗಡಿ ಕಡೆಯ ನಿಝಾಮ್. ಹಳೆಯ ರಿಮ್ಮುಗಳ ರಾಶಿಯ ನಡುವೆ ಕೂತು ಸುಲೈಮಾನಿ ಚಾ ಕುಡಿಯುತ್ತಿದ್ದ. ಬಗ್ಗಿದ ರಿಮ್ಮನ್ನು ತೊಡೆಯ ಮೇಲಿಟ್ಟುಕೊಂಡು, ಉಗುರಿನಿಂದ ಬಣ್ಣ ಕೆರೆದು, "ಅಣ್ಣ, ಈ ಪೆಟ್ಟು ಉಂಟಲ್ಲ, ಇದು..." ಎಂದು ಶುರು ಮಾಡಿದ.

"ಪೆಟ್ಟಿನ ಕತೆ ಬೇಡ ನಿಝಾಮ್ ಭಾಯಿ. ಹೊಟ್ಟೆ ಉರೀತದೆ. ಇಂಥದ್ದೇ ಒಂದು ಉಂಟಾ?"

"ಇಂಥದ್ದೇ ಇಲ್ಲ. ಇದಕ್ಕೆ ಸರಿಯಾಗಿ ಕೂತುಕೊಳ್ಳುವ ಒಂದು ಸೆಟ್ಟು ಉಂಟು. ತೂತು, ಅಂತರ, ಅಳತೆ ಎಲ್ಲ ಇದರದ್ದೇ. ಇದಕ್ಕೆ ಕಡ್ಡಿ ಹತ್ತು, ಅದಕ್ಕೆ ಒಂಬತ್ತು, ಅಷ್ಟೇ ವ್ಯತ್ಯಾಸ. ಒಂದೇ ಒಂದು ತಕ್ಕೊಂಡು ಹೋಗಿ ಅಣ್ಣ. ಯಾರು ಎಣಿಸ್ತಾರೆ?"

"ಲಿಗೋರಿ ಪೊರ್ಬುಗಳು ಎಣಿಸ್ತಾರೆ" ಎಂದ ಭೋಜ. ಟೂತ್‌ಬ್ರಶ್ ಕಣ್ಣ ಮುಂದೆ ಬಂತು. ಮೂರು ಚಕ್ರದಲ್ಲಿ ಹತ್ತು, ಒಂದರಲ್ಲಿ ಒಂಬತ್ತು ಎಂದರೆ ಮೊದಲ ಶುಕ್ರವಾರವೇ ಸಿಕ್ಕಿಬೀಳುತ್ತೇನೆ. ನಾಲ್ಕರಲ್ಲೂ ಒಂಬತ್ತಾದರೆ? "ಮೊದಲಿಂದ ಒಂಬತ್ತೇ ಇತ್ತೋ ಏನೋ" ಅಂದುಕೊಳ್ಳಬಹುದು. ಮುಳುಗುವವನ ತಲೆಗೆ ಹೊಳೆಯುವುದು ಇಂಥದ್ದೇ. ಊರಿಗೆ ಹೋಗಲೆಂದು ಎತ್ತಿಟ್ಟ ಹಣ ತೆಗೆದು ನಾಲ್ಕನ್ನೂ ಹಾಕಿಸಿದ.

ಹೊರಡುವಾಗ ನಿಝಾಮ್ ಕರೆದ. "ಅಣ್ಣ, ನಿಮ್ಮ ಹಳೆಯದು? ಮೂರು ಚೆನ್ನಾಗಿಯೇ ಉಂಟಲ್ಲ."

ಇಲ್ಲಿ ಒಂದು ಮಾತು ಹೇಳಬೇಕು. ಭೋಜ ಒಂದು ಎಸಿ ಕಂಪೆನಿಯ ಸ್ಟೋರ್‌ಕೀಪರ್. ಅವನ ಕೌಂಟರಿನಲ್ಲಿ ಹತ್ತೊಂಬತ್ತು ವರ್ಷದಿಂದ ಒಂದೇ ಕಾನೂನು: ಹಳೆಯ ಪಾರ್ಟು ತಂದು ಕೊಟ್ಟರೆ ಮಾತ್ರ ಹೊಸ ಪಾರ್ಟು. ಮ್ಯಾನೇಜರ್ ಮುಹಮ್ಮದ್ ಸಾಹೇಬರೇ ಬಂದರೂ ಹಳೆಯದು ಕೈಗೆ ಬರದೆ ಒಂದು ಸ್ಕ್ರೂ ಹೊರಗೆ ಹೋದದ್ದಿಲ್ಲ.

"ಹೊಸದು ತಕ್ಕೊಂಡ ಮೇಲೆ ಹಳೆಯದು ಇಟ್ಟುಕೊಳ್ಳುವ ಕ್ರಮ ನನ್ನಲ್ಲಿಲ್ಲ. ಜಮಾ ಮಾಡಿಕೊಳ್ಳಿ" ಎಂದು ಭೋಜ ಗತ್ತಿನಲ್ಲಿ ನಾಲ್ಕನ್ನೂ ಒಪ್ಪಿಸಿದ. ಇಂಥ ಗಿರಾಕಿ ನಿಝಾಮನಿಗೆ ಈ ಜನ್ಮದಲ್ಲಿ ಸಿಕ್ಕಿರಲಿಲ್ಲ. ಭೋಜನಿಗೂ ಒಂದು ಸುಲೈಮಾನಿ ತರಿಸಿಕೊಟ್ಟ.

ವಿಮಾನ ಸರಿಯಾದ ಸಮಯಕ್ಕೆ ಬಂತು. ಲಿಗೋರಿ ಒಬ್ಬರೇ ಬಂದರು. ಹೆಂಡತಿ ಕಾರ್ಮೆಲ್ ಬಾಣಂತಿ ಮಗಳ ಜೊತೆ ಇನ್ನೆರಡು ತಿಂಗಳು ಅಲ್ಲೇ. ಕೈಯಲ್ಲಿ ಹಗ್ಗ ಬಿಗಿದ ಒಂದು ಕಾರ್ಟನ್. ಎತ್ತಿಕೊಳ್ಳಲು ಹೋದರೆ, "ಬೇಡ, ಭಾರ ಉಂಟು, ನಾನೇ ಹಿಡೀತೇನೆ" ಅಂದರು. ಮುಖ ಸಪ್ಪೆ. ಎರಡು ವಾರ ಬಿಟ್ಟಿದ್ದ ಕಾರನ್ನು ಸುತ್ತು ಬಂದು ತಡವಿ ನೋಡಬೇಕಾದ ಮನುಷ್ಯ, ಚಕ್ರದ ಕಡೆ ತಿರುಗಿಯೂ ನೋಡದೆ ಒಳಗೆ ಕೂತುಬಿಟ್ಟರು.

ಗೊತ್ತಾಯಿತು, ದೂರದಿಂದಲೇ ಎಣಿಸಿಬಿಟ್ಟರು ಎಂದುಕೊಂಡು ಭೋಜ ಅವಸರದಲ್ಲಿ ಕಾರು ಸ್ಟಾರ್ಟ್ ಮಾಡಿದ.

"ಗಾಡಿ... ಏನೂ ತೊಂದ್ರೆ ಕೊಡ್ಲಿಲ್ಲ ಅಲ್ವಾ?" ಲಿಗೋರಿ ದಾರಿಯಲ್ಲಿ ಮೆಲ್ಲಗೆ ಕೇಳಿದರು.

"ಇಲ್ಲ ಪೊರ್ಬುಗಳೇ. ಎಂತ ತೊಂದ್ರೆ? ಚಿನ್ನದಂಥ ಗಾಡಿ." ಭೋಜನ ಧ್ವನಿ ಅವನಿಗೇ ಬೇರೆಯವರದ್ದರಂತೆ ಕೇಳಿಸಿತು.

ಕಟ್ಟಡ ಬಂತು. ಬೆಕ್ಕು ಮತ್ತೆ ಅದೇ ಜಾಗದಲ್ಲಿತ್ತು. ಭೋಜ ಅದರ ತಂಟೆಗೇ ಹೋಗದೆ ಕಾರನ್ನು ಆಚೆ ಬದಿಯ ಮರಳಿನಲ್ಲಿ ನಿಲ್ಲಿಸಿದ.

ಭೋಜನ ಮನೆಯೊಳಗೆ ಕಾರ್ಟನ್ ಮೇಜಿನ ಮೇಲೆ ಬಂದದ್ದೇ ಪುಷ್ಪಾವತಿಯ ಮುಖ ಅರಳಿತು. "ಅಕ್ಕ ಎಷ್ಟು ಕಳಿಸಿದ್ದಾಳಪ್ಪ! ಎರಡು ಭರಣಿ ಇರ್ಬೇಕು" ಎನ್ನುತ್ತ ಕತ್ತರಿ ತಂದು ಹಗ್ಗ ಕತ್ತರಿಸಿದಳು. ಒಳಗೆ ಮೈ ಒರೆಸುವ ಒಂದು ಬೈರಾಸು. ಬೈರಾಸು ಬಿಡಿಸಿದರೆ ಒಂದು ರಿಮ್ಮು. ಸರಿಯಾಗಿ ಹತ್ತು ಕಡ್ಡಿ.

ಭೋಜನ ಬಾಯಿ ತೆರೆದದ್ದು ತೆರೆದೇ ಇತ್ತು.

ಲಿಗೋರಿ ಕುರ್ಚಿಯ ತುದಿಯಲ್ಲಿ ಕೂತರು. "ಭೋಜ, ನೀನು ಬೈದ್ರೂ ನನಗೆ ಬೇಜಾರಿಲ್ಲ. ಊರಿಗೆ ಹೋಗುವ ಎರಡು ದಿನ ಮೊದಲು ಬಲಗಡೆ ಮುಂದಿನ ಚಕ್ರವನ್ನು ನಾನು ಕಟ್ಟೆಗೆ ಹೊಡ್ದಿದ್ದೆ. ಆ ಬೆಕ್ಕು ಉಂಟಲ್ಲ, ಅದನ್ನು ತಪ್ಪಿಸ್ಲಿಕ್ಕೆ ಹೋಗಿ. ರಿಮ್ಮು ಬಗ್ಗಿತು. ಒಬ್ಬನ ಹತ್ರ ಬಡಿಸಿ, ಬಣ್ಣ ಹೊಡೆಸಿದೆ. ಹೇಳಿದ್ರೆ ನೀನು ಕಾರು ಮುಟ್ಲಿಕ್ಕಿಲ್ಲ, ಪುಷ್ಪ ಆಸ್ಪತ್ರೆಗೆ ಹೇಗೆ ಹೋಗುದು ಅಂತ ಸುಮ್ಮನೆ ಕೀ ಕೊಟ್ಟೆ. ವಿಮಾನ ಹತ್ತಿದ ಮೇಲೆ ತಲೆಗೆ ಹೋಯ್ತು, ಇಲ್ಲಿಯ ಗಾಡಿಗೆ ಸ್ಟೇರಿಂಗ್ ಎಡಕ್ಕೆ, ಪುಷ್ಪ ಕೂತುಕೊಳ್ಳುದು ಅದೇ ಬಲಬದಿ. ದೇವರಾಣೆ ಹೇಳ್ತೇನೆ, ಎರಡು ವಾರ ನಿದ್ದೆ ಮಾಡ್ಲಿಲ್ಲ. ಮಂಗಳೂರು ಬಂದರಿನ ಗುಜರಿ ಅಂಗಡಿಗಳಲ್ಲೆಲ್ಲ ಹುಡುಕಿ, ಕಡ್ಡಿ ಎಣಿಸಿ ತಂದೆ."

ಅವರ ಕಣ್ಣು ತುಂಬಿತ್ತು. ದಿನಾ ಬರುತ್ತಿದ್ದ ಫೋನು ಕಾರಿಗಾಗಿ ಅಲ್ಲ, ತಮಗಾಗಿ ಎಂದು ಭೋಜನಿಗೆ ಈಗ ಗೊತ್ತಾಯಿತು.

"ಹಾಗಾದ್ರೆ ಉಪ್ಪಿನಕಾಯಿ?" ಎಂದಳು ಪುಷ್ಪಾವತಿ, ಸಣ್ಣ ಧ್ವನಿಯಲ್ಲಿ.

"ಏರ್‌ಪೋರ್ಟಿನಲ್ಲಿ ತೂಕ ಜಾಸ್ತಿ ಆಯ್ತು ಮಗಾ. ಭರಣಿ ಒಂದು, ಇಲ್ಲ ರಿಮ್ಮು ಒಂದು ಅಂದ್ರು. ಭರಣಿಯನ್ನು ಕಾರ್ಮೆಲ್ ಹತ್ರ ವಾಪಸು ಕೊಟ್ಟೆ."

ಈಗ ಭೋಜನ ಸರದಿ. ಬೆಕ್ಕಿನಿಂದ ಹಿಡಿದು ನಿಝಾಮನ ಸುಲೈಮಾನಿಯವರೆಗೆ ಒಂದೂ ಬಿಡದೆ ಒಪ್ಪಿಸಿದ. ಲಿಗೋರಿ ಮೊದಲು ಕಣ್ಣು ಬಿಟ್ಟರು, ಆಮೇಲೆ ಹೊಟ್ಟೆ ಹಿಡಿದುಕೊಂಡು ನಗಲು ಶುರು ಮಾಡಿದರು. "ನನ್ನ ಹತ್ರ ಹೇಳ್ಲಿಕ್ಕೆ ನಿನಗೆ ಹೆದರಿಕೆಯಾ? ನಿನ್ನ ಹತ್ರ ಹೇಳ್ಲಿಕ್ಕೆ ನನಗೆ ಜ್ವರ ಬಂದಿತ್ತು ಮಾರಾಯ!" ಭೋಜನೂ ನಕ್ಕ. ಅವನ ಎದೆಯ ಮೇಲಿದ್ದ ಕಲ್ಲು ಇಳಿದಿತ್ತು.

ಹಳೆಯ ಮೂರನ್ನು ವಾಪಸು ಕೇಳಲು ನಿಝಾಮನಿಗೆ ಫೋನು ಮಾಡಿದರೆ, "ಆ ಮೂರನ್ನಾ? ಸುಲೈಬಿಯಾದವರೊಬ್ಬರು ಆಗಲೇ ಒಯ್ದರು. ಖಲಾಸ್, ಅಣ್ಣ" ಎಂದ.

"ಹೋಗ್ಲಿ ಬಿಡು. ಒಂಬತ್ತು ಕಡ್ಡಿಯೂ ಚಂದ ಇರ್ತದೆ. ನಾಲ್ಕೂ ಒಂದೇ ಥರ ಉಂಟಲ್ಲ, ಅದು ಮುಖ್ಯ" ಎಂದು ಲಿಗೋರಿ ಕೀ ತೆಗೆದುಕೊಂಡರು. "ಕಾರು ಮರಳಲ್ಲಿ ಯಾಕೆ? ಬೆಕ್ಕು ಇದ್ರೂ ಹೇಗೆ ಪಾರ್ಕ್ ಮಾಡುದು ಅಂತ ನಾನು ತೋರಿಸ್ತೇನೆ, ನೋಡ್ತಾ ಇರು."

ಭೋಜ, ಪುಷ್ಪಾವತಿ ಇಬ್ಬರೂ ಕಿಟಕಿಯ ಹತ್ತಿರ ನಿಂತರು. ಕೆಳಗೆ ಹಾರ್ನ್ ಕೇಳಿಸಿತು. ಬೆಕ್ಕು ಒಂದು ಕಣ್ಣು ತೆರೆದು, ಮುಚ್ಚಿತು. ಕಾರು ಮೆಲ್ಲನೆ ಬಲಕ್ಕೆ ತಿರುಗಿತು.

ಈ ಸಲದ ಸದ್ದು ಅವರು ನಿಂತಿದ್ದ ಮೂರನೇ ಮಾಳಿಗೆಗೂ ಕೇಳಿಸಿತು.

"ಭೋಜಣ್ಣ, ನಾನು ಉಂಟಲ್ಲ!" ಎಂದು ಎರಡನೇ ಮಾಳಿಗೆಯಿಂದ ಶೈಲೇಶ್ ಕೂಗಿದ.

ಮುಂದಿನ ಶುಕ್ರವಾರ ಲಿಗೋರಿ ಎಂದಿನಂತೆ ಟೂತ್‌ಬ್ರಶ್ ಹಿಡಿದು ಕುಕ್ಕರಗಾಲಿನಲ್ಲಿ ಕೂತಿದ್ದರು. ಭೋಜ ಬಕೆಟ್ಟು ಹಿಡಿದು ಪಕ್ಕದಲ್ಲಿ ನಿಂತಿದ್ದ. ಮೂರು ಚಕ್ರದಲ್ಲಿ ಒಂಬತ್ತು ಕಡ್ಡಿ, ಮುಂದಿನ ಬಲಗಡೆ ಮಂಗಳೂರಿನಿಂದ ತಂದ ಹತ್ತು ಕಡ್ಡಿಯದ್ದು. ಪುಷ್ಪಾವತಿ ಕೋಲೂರಿಕೊಂಡು ಬಂದು, ನಾಲ್ಕನ್ನೂ ಸಾವಧಾನದಿಂದ ಎಣಿಸಿ ನೋಡಿದಳು.

"ಅಲ್ಲ ಇವರೇ, ಆವತ್ತು ಆ ನಿಝಾಮ್ ಹೇಳಿದ ಹಾಗೆ ಒಂದೇ ಒಂದು ತಂದಿದ್ರೆ, ಈಗ ನಾಲ್ಕರಲ್ಲೂ ಹತ್ತೇ ಇರ್ತಿತ್ತಲ್ಲ?"

ಭೋಜ ಬಕೆಟ್ಟಿನ ನೀರು ಬದಲಾಯಿಸಲು ಹೋದ.