ಬಟ್ಟೆ ಗೋಡೆಗೆ ಒಂದು ಮೊಳೆ

‘ಈ ಗೋಡೆಗೆ ಯಾರೂ ಮೊಳೆ ಹೊಡೆಯಬಾರದು’ ಎಂದು ದಪ್ಪ ಅಕ್ಷರದಲ್ಲಿ ಬರೆಸಿದ್ದ ಮರದ ಹಲಗೆಯನ್ನು ಕಟ್ಟಡದ ಉಸ್ತುವಾರಿ ಅದೇ ಗೋಡೆಗೆ ಮೊಳೆ ಹೊಡೆದು ತೂಗುಹಾಕಿದ.

ಬೇಕೆಂದು ಮಾಡಿದ್ದಲ್ಲ. ಹುಟ್ಟಿದಾಗಿನಿಂದ ಇಟ್ಟಿಗೆ ಮನೆಯಲ್ಲಿ ಬೆಳೆದ ಕೈ ಅದು. ಹಲಗೆ ಕಂಡಿತು, ಸುತ್ತಿಗೆ ಕಂಡಿತು, ತಲೆಯನ್ನು ಒಂದು ಮಾತೂ ಕೇಳದೆ ಕೆಲಸ ಮುಗಿಸಿಬಿಟ್ಟಿತು. ಮೊಳೆ ‘ಪಕ್’ ಎಂದು ಒಳಕ್ಕೆ ಹೋಯಿತು. ಹಲಗೆ ಒಂದು ಕ್ಷಣ ನೆಟ್ಟಗೆ ನಿಂತಿತು. ಆಮೇಲೆ ಬಸ್ಸಿನಲ್ಲಿ ತೂಕಡಿಸುವವನ ತಲೆಯಂತೆ ಮೆಲ್ಲಗೆ ಕೆಳಗಿಳಿಯತೊಡಗಿತು. ಮೊಳೆಯೂ ಅದರ ಜೊತೆಗೇ ಇಳಿಯಿತು. ಅದು ಇಳಿದ ದಾರಿಯಲ್ಲಿ, ಎದೆಯ ಎತ್ತರದಲ್ಲಿ, ಒಂದು ಬೆರಳುದ್ದದ ಸೀಳು ಬಾಯಿ ಬಿಟ್ಟುಕೊಂಡು ಅವನನ್ನೇ ನೋಡಿತು.

ಏಕೆಂದರೆ ಅದು ಬಟ್ಟೆಯ ಗೋಡೆ.

ಬಡಾವಣೆಯ ಸಂಘದವರು ಶಟಲ್ ಆಡಲೆಂದು ಕಟ್ಟಿಸಿದ ಕಟ್ಟಡ ಅದು. ಸಾಲಾಗಿ ನಿಲ್ಲಿಸಿದ ಕಬ್ಬಿಣದ ಕಮಾನುಗಳು, ಅವುಗಳ ಮೇಲೆ ತಮಟೆಯ ಚರ್ಮದ ಹಾಗೆ ಬಿಗಿದ ದಪ್ಪನೆಯ ಬಿಳಿ ಬಟ್ಟೆ. ಗೋಡೆಯೂ ಅದೇ, ಸೂರೂ ಅದೇ. ಇಟ್ಟಿಗೆಯ ಕಟ್ಟಡಕ್ಕೆ ಆಗುವುದರಲ್ಲಿ ಅರ್ಧ ಖರ್ಚು. ಪಾಯ ಒಣಗುವಷ್ಟು ಹೊತ್ತಿನಲ್ಲಿ ಇಡೀ ಕಟ್ಟಡವೇ ಎದ್ದು ನಿಂತಿತ್ತು. ಹಗಲು ದೀಪ ಬೇಡ. ಬಿಸಿಲು ಬಟ್ಟೆಯಲ್ಲಿ ಸೋಸಿಕೊಂಡು ಹಾಲಿನ ಹಾಗೆ ಒಳಗೆ ಬೀಳುತ್ತಿತ್ತು. ಬಂದವರೆಲ್ಲ ಮೊದಲು ಆಡುತ್ತಿರಲಿಲ್ಲ, ಗೋಡೆಯನ್ನು ಮುಟ್ಟುತ್ತಿದ್ದರು. ಕೆಲವರು ಬೆರಳಲ್ಲಿ ತಟ್ಟಿ ನೋಡಿದರೆ, ಕೆಲವರು ಸೀರೆ ಅಂಗಡಿಯಲ್ಲಿ ಸೆರಗು ಹಿಡಿದು ನೋಡುವಂತೆ ಚಿವುಟುತ್ತಿದ್ದರು.

“ಇದನ್ನ ಒಗೀಬಹುದಾ?”

“ಒಗೆಯೋದಲ್ಲ, ತೊಳೆಯೋದು.”

“ಇಸ್ತ್ರಿ?”

“ಬಿಗಿ ಮಾಡಿದ್ರೆ ಸಾಕು, ಸುಕ್ಕು ಬೀಳಲ್ಲ.”

“ಹಾಗಾದ್ರೆ ಟೆಂಟು ಅನ್ನಿ.”

“ಟೆಂಟಲ್ಲ ಸ್ವಾಮಿ, ಖಾಯಂ ಕಟ್ಟಡ!”

ಖಾಯಂ ಎಂಬ ಮಾತಿಗೆ ಉಸ್ತುವಾರಿ ಅಷ್ಟು ಒತ್ತು ಕೊಡುವುದಕ್ಕೆ ಕಾರಣವಿತ್ತು. ಕೆಲಸಕ್ಕೆ ಸೇರಿಸಿಕೊಂಡ ದಿನ ಸಂಘದ ಅಧ್ಯಕ್ಷರು ಅವನ ಹೆಗಲ ಮೇಲೆ ಕೈಯಿಟ್ಟು ಹೇಳಿದ್ದರು: “ಬಟ್ಟೆ ಅಂದ್ಮೇಲೆ ಹರಿದೇ ಹರಿಯುತ್ತೆ ಅಂತ ಎಲ್ಲರಿಗೂ ಭಯ. ಒಂದು ವರ್ಷ ಕಾಯಿ. ಒಂದು ತೂತು ಬೀಳದೆ ಇದ್ರೆ ಕಟ್ಟಡಾನೂ ಖಾಯಂ, ನೀನೂ ಖಾಯಂ.”

ಆ ವರ್ಷ ಇವತ್ತಿಗೆ ಮುಗಿಯುತ್ತಿತ್ತು. ಸಂಜೆ ಸಮಿತಿಯವರೆಲ್ಲ ಪರೀಕ್ಷೆಗೆ ಬರುವವರಿದ್ದರು. ವರ್ಷವಿಡೀ ಅವನು ಆ ಬಟ್ಟೆಯನ್ನು ಮದುವೆಯ ಸೀರೆಯ ಹಾಗೆ ಜೋಪಾನ ಮಾಡಿದ್ದ. ಗಾಳಿ ಬೀಸಿದ ಮರುದಿನ ಸುತ್ತ ತಿರುಗಿ ತಿರುಪುಗಳನ್ನು ಬಿಗಿ ಮಾಡಿದ್ದ. ಕೊಡೆ ಹಿಡಿದು ಬಂದವರ ಕೊಡೆ ಬಾಗಿಲಲ್ಲೇ ಕಸಿದುಕೊಂಡಿದ್ದ. ಕೊನೆಯ ದಿನ ಯಾರೂ ಎಡವಟ್ಟು ಮಾಡದಿರಲಿ ಎಂದೇ ಆ ಹಲಗೆ ಬರೆಸಿದ್ದು.

ಸೀಳಿಗೆ ಅಂಗೈ ಅಡ್ಡ ಇಟ್ಟುಕೊಂಡು ಅವನು ಅತ್ತಿತ್ತ ನೋಡಿದ. ಒಳಗೆ ಯಾರೂ ಇರಲಿಲ್ಲ. ಆದರೆ ಆ ಕಟ್ಟಡದ ಒಳಗೆ ಕೆಮ್ಮಿದರೆ ಎದುರು ಮನೆಯವರು ನೀರು ತರುತ್ತಿದ್ದರು. ಬಟ್ಟೆ ಗೋಡೆ ಮಳೆ ತಡೆಯುತ್ತದೆ, ಸದ್ದು ತಡೆಯುವುದಿಲ್ಲ. ಸುತ್ತಿಗೆಯ ಏಟು ಬೀದಿಗೆಲ್ಲ ಕೇಳಿಸಿತ್ತು.

ಮೊದಲು ಬಂದದ್ದು ಎದುರು ಅಂಗಡಿಯ ದರ್ಜಿ ಅಕ್ಕ, ಕೊರಳಲ್ಲಿ ಅಳತೆ ಟೇಪು.

“ಏನೋ ತಮ್ಮಾ ಹೊಡೆದಿದ್ದು? ಕೈ ತೆಗಿ ನೋಡೋಣ.”

“ಏನಿಲ್ಲಕ್ಕಾ.”

“ಏನಿಲ್ದೆ ಇದ್ರೆ ಗೋಡೆಗೆ ಯಾಕೆ ಪ್ರಮಾಣ ಮಾಡೋ ಹಾಗೆ ಕೈ ಇಟ್ಕೊಂಡಿದ್ದೀಯ?”

ಅವನು ಕೈ ತೆಗೆದ. ಅಕ್ಕ ಸೀಳಿನೊಳಕ್ಕೆ ಕಣ್ಣಿಟ್ಟು ತನ್ನ ಅಂಗಡಿಯನ್ನು ನೋಡಿ ಬಂದಳು.

“ಇಷ್ಟೇನಾ! ಜೇಬು ಹರಿದ ಹಾಗಿದೆ. ಎರಡು ನಿಮಿಷ.”

ಎರಡು ನಿಮಿಷ ಅರ್ಧ ಗಂಟೆಯಾಯಿತು. ಬಟ್ಟೆಯೋ, ಚಪ್ಪಲಿಯಷ್ಟು ಗಡುಸು. ಸೂಜಿಗಳು ಒಂದೊಂದಾಗಿ ಮುರಿದವು. ಕೊನೆಗೆ ಗೋಣಿಚೀಲ ಹೊಲಿಯುವ ದಬ್ಬಣ ತಂದು ಹೊಲಿದೇ ಬಿಟ್ಟಳು, ಮೇಲಿನಿಂದ ಕೆಳಗೆ, ಸೀಳು ಇದ್ದಷ್ಟು ಉದ್ದ ಮಾತ್ರ ಅಲ್ಲ, ‘ಬಿಗಿ ಇರಲಿ’ ಎಂದು ಮೇಲೆ ಮೊಳದುದ್ದ, ಕೆಳಗೆ ಮೊಳದುದ್ದ. ಹೊಲಿದು ಮುಗಿದ ಮೇಲೆ ಇಬ್ಬರೂ ಹಿಂದೆ ಸರಿದು ನೋಡಿದರು. ದಬ್ಬಣ ಹೋದಲ್ಲೆಲ್ಲ ಒಂದೊಂದು ತೂತು, ಪ್ರತಿ ತೂತಿನಲ್ಲೂ ಹೊರಗಿನ ಬಿಸಿಲು ಮಿಣಕ್ ಮಿಣಕ್.

“ಅಕ್ಕಾ, ತೂತು ಮರಿ ಹಾಕಿದೆ.”

“ಬೆಳಕು ಬರ್ತಿದೆ, ಅಷ್ಟೇ. ಅದರ ಮೇಲೊಂದು ತೇಪೆ ಹಾಕಿದ್ರಾಯ್ತು. ನನ್ನಿಂದ ಆಗಲ್ಲ, ಪಂಕ್ಚರ್ ಅಂಗಡಿಯವನನ್ನ ಕರೀತೀನಿ ಇರು.”

ಪಂಕ್ಚರ್ ಅಂಗಡಿಯವನು ಬಂದ. ಗೋಡೆಗೆ ಕಿವಿಯಿಟ್ಟು, ಗಾಳಿ ಹೋಗುವ ಸದ್ದು ಕೇಳಿಸುತ್ತದೋ ಎಂದು ಗಮನಿಸಿದ. ಅಭ್ಯಾಸಬಲ.

“ಟ್ಯೂಬ್‌ಗೂ ಇದಕ್ಕೂ ವ್ಯತ್ಯಾಸ ಇಲ್ಲ ಅಣ್ಣಾ. ಉಜ್ಜಬೇಕು, ಸೊಲ್ಯೂಷನ್ ಹಚ್ಚಬೇಕು, ಅಂಟಿಸಬೇಕು.”

ಅವನು ಅರದಿಂದ ಉಜ್ಜಿದ. ಉಜ್ಜುತ್ತಾ ಉಜ್ಜುತ್ತಾ ಬಟ್ಟೆಯ ಮೇಲಿನ ಲೇಪ ಪುಡಿಪುಡಿಯಾಗಿ ಉದುರಿತು. ‘ಸಾಕು’ ಎಂದು ಉಸ್ತುವಾರಿ ಕೂಗುವಷ್ಟರಲ್ಲಿ ಅಲ್ಲಿ ಉಳಿದದ್ದು ಬರೀ ನೂಲು. ಅದರ ಮೇಲೆ ಲಾರಿಯ ಟ್ಯೂಬಿನಿಂದ ಕತ್ತರಿಸಿದ ಕಪ್ಪು ತೇಪೆ, ಒಬ್ಬ ಮನುಷ್ಯನ ಬೆನ್ನಿನಷ್ಟು ಅಗಲದ್ದು, ಅಂಟಿಕೊಂಡಿತು.

ಹಾಲಿನಂತೆ ಹೊಳೆಯುವ ಗೋಡೆಯ ನಟ್ಟನಡುವೆ ಕಪ್ಪು ತೇಪೆ. ನೂರು ಹೆಜ್ಜೆ ದೂರದಿಂದಲೂ, ಕಣ್ಣು ಮುಚ್ಚಿಕೊಂಡರೂ ಕಾಣುವಂತಿತ್ತು.

“ಗಟ್ಟಿ ಇದೆ” ಎಂದ ಪಂಕ್ಚರ್ ಅಂಗಡಿಯವನು, ಗೋಡೆಯನ್ನು ನೋಡದೆ.

ಅಷ್ಟರಲ್ಲಿ ಬಾಗಿಲಲ್ಲಿ ನಗು ಕೇಳಿಸಿತು. ಮೇಸ್ತ್ರಿ ನಿಂತಿದ್ದರು. ಈ ಕಟ್ಟಡ ಇಟ್ಟಿಗೆಯದಾಗಿದ್ದರೆ ಕಟ್ಟುವ ಕೆಲಸ ಅವರದಾಗುತ್ತಿತ್ತು. ಆ ಸಂಕಟದಿಂದ ವರ್ಷವಿಡೀ ದಿನಕ್ಕೊಮ್ಮೆ ಬಂದು, ಬಟ್ಟೆ ಹರಿದಿದೆಯೇ ಎಂದು ನೋಡಿಹೋಗುತ್ತಿದ್ದರು.

“ಏನಯ್ಯಾ, ಗೋಡೆಗೆ ಗಾಯ ಆಯ್ತಾ? ಗೋಡೆ ಅಂದ್ರೆ ಮೊಳೆ ತಡ್ಕೋಬೇಕು ಕಣಯ್ಯಾ. ಮೊಳೆಗೇ ಹೆದರೋ ಗೋಡೇನ ಗೋಡೆ ಅಂತಾರಾ?”

“ಖರ್ಚು ಅರ್ಧ ಮೇಸ್ತ್ರಿಗಳೇ.”

“ಇವತ್ತು ಅರ್ಧ. ಹದಿನೈದು ಇಪ್ಪತ್ತು ವರ್ಷಕ್ಕೊಂದ್ಸಲ ಬಟ್ಟೆ ಬದಲಾಯಿಸ್ಬೇಕಂತಲ್ಲ, ಆಗ? ನಾನು ಕಟ್ಟಿದ ಗೋಡೆಗೆ ಇವತ್ತಿನವರೆಗೂ ಹೊಸ ಬಟ್ಟೆ ಕೊಡಿಸಿಲ್ಲ.”

“ಹಗಲು ಕರೆಂಟು ಉಳಿಯುತ್ತೆ.”

“ಬೇಸಿಗೇಲಿ ಒಳಗೆ ನಿಂತೋರೂ ಬೆಂದುಹೋಗ್ತಾರೆ. ಮಳೆ ಬಂದ್ರೆ ಪಕ್ಕದಲ್ಲಿರೋನ ಮಾತು ಕೇಳಿಸಲ್ಲ.”

“ನಿಮ್ಮ ಮಾತು ಕೇಳಿಸ್ದೇ ಇರೋದೂ ಒಂದು ಲಾಭಾನೇ” ಎಂದಳು ದರ್ಜಿ ಅಕ್ಕ. ಮೇಸ್ತ್ರಿ ಅದಕ್ಕೆ ಸಿಟ್ಟಾಗಲಿಲ್ಲ. ತೇಪೆಯ ಹತ್ತಿರ ಹೋಗಿ, ಕುತೂಹಲ ತಡೆಯಲಾರದೆ ಅದರ ಅಂಚನ್ನು ಉಗುರಿನಿಂದ ಸ್ವಲ್ಪ ಎಬ್ಬಿಸಿ ನೋಡಿದರು. ಅದು ಎದ್ದಿತು. ಮತ್ತೆ ಪೂರ್ತಿ ಅಂಟಲಿಲ್ಲ.

ಮಧ್ಯಾಹ್ನ ಬುತ್ತಿ ಹಿಡಿದು ಉಸ್ತುವಾರಿಯ ಹೆಂಡತಿ ಬಂದಳು. ಗಂಡನ ಮುಖ ನೋಡಿದಳು, ಗೋಡೆ ನೋಡಿದಳು, ಊಟದ ಡಬ್ಬಿ ಕೆಳಗಿಟ್ಟಳು.

“ರೀ, ಖಾಯಂ ಆಗುತ್ತೆ ಅಂತ ನಾನು ನಮ್ಮ ಅತ್ತಿಗೆಗೆ ಹೇಳ್ಬಿಟ್ಟಿದ್ದೀನಿ.”

“ನಾನೇನು ಬೇಕು ಅಂತ ಮಾಡಿದ್ನೇನೇ?”

“ಹೇಳಿದ್ದನ್ನ ವಾಪಸ್ ತಗೊಳ್ಳೋಕಾಗಲ್ಲ. ಆ ಬ್ಯಾಟು ಇಡೋ ಬೀರುನ ಇದರ ಮುಂದೆ ತಳ್ಳಿ.”

ಬುದ್ಧಿ ಅಂದರೆ ಇದು ಎಂದುಕೊಂಡು ಎಲ್ಲರೂ ಸೇರಿ ಬೀರು ತಳ್ಳಿದರು. ತೇಪೆ ಮರೆಯಾಯಿತು. ಉಸ್ತುವಾರಿ ನೆಮ್ಮದಿಯಾಗಿ ಎರಡು ತುತ್ತು ಉಂಡ. ಮೂರನೆಯ ತುತ್ತಿಗೆ ಹೊರಗಿನಿಂದ ಮೇಸ್ತ್ರಿಯ ದನಿ ಬಂತು:

“ಅಯ್ಯಾ, ನಿನ್ನ ಗೋಡೆ ಬಸುರಿ!”

ಓಡಿಹೋಗಿ ನೋಡಿದ. ಇಟ್ಟಿಗೆ ಗೋಡೆಯಾದರೆ ಬೀರುವನ್ನು ಆತುಕೊಳ್ಳುತ್ತದೆ. ಇದು ಬೀರು ಒರಗಿದಷ್ಟೂ ಹಿಂದೆ ಸರಿದು, ಬೀದಿಯ ಕಡೆ ತುಂಬು ಹೊಟ್ಟೆಯ ಹಾಗೆ ಉಬ್ಬಿತ್ತು. ಹೋಗುವ ಬರುವ ಜನ ನಿಂತು ಅದನ್ನು ಒತ್ತಿ ನೋಡುತ್ತಿದ್ದರು. ಬೀರುವನ್ನು ಮತ್ತೆ ಹಿಂದಕ್ಕೆ ಎಳೆದದ್ದಾಯಿತು.

ಸಮಿತಿಯವರು ಬಂದಾಗ ಗೋಡೆಯ ಮುಂದೆ ಬೀರು ಇರಲಿಲ್ಲ. ಉಸ್ತುವಾರಿ ಇದ್ದ. ಎದೆ ಮುಂದೆ ಮಾಡಿ, ತೇಪೆಗೆ ಬೆನ್ನು ಹಚ್ಚಿ, ಫೋಟೋಗೆ ನಿಂತವನಂತೆ.

“ಬಾರಯ್ಯಾ, ಈ ಕಡೆ” ಎಂದರು ಅಧ್ಯಕ್ಷರು, ಕರವಸ್ತ್ರದಲ್ಲಿ ಕತ್ತು ಒರೆಸಿಕೊಳ್ಳುತ್ತಾ. ದಿನದ ಬಿಸಿಲೆಲ್ಲ ಒಳಗೆ ಕೂತಿತ್ತು.

“ಇಲ್ಲಿಗೇ ಚೆನ್ನಾಗಿ ಕೇಳಿಸುತ್ತೆ ಸರ್.”

“ಆ ಕಡೆ ಗೋಡೆ ನೋಡಿ ಬರೋಣ ಬಾ” ಎಂದರು ಕಾರ್ಯದರ್ಶಿ, ಕನ್ನಡಕದ ಮೇಲಿನಿಂದ ನೋಡುತ್ತಾ.

“ನೀವು ನೋಡಿ ಸರ್. ನಾನು... ನಾನು ಈ ಗೋಡೆ ನೋಡ್ಕೋತೀನಿ.”

ಅವರು ನೋಡಿದರು. ಒಂದೊಂದು ಕಮಾನಿನ ಕೆಳಗೂ ನಿಂತು ತಟ್ಟಿದರು, ಚಿವುಟಿದರು, ಮೂಸಿದರು. ಎಲ್ಲೂ ಒಂದು ತೂತಿರಲಿಲ್ಲ. ಅಧ್ಯಕ್ಷರ ಮುಖ ಅರಳುತ್ತಿತ್ತು. ಇತ್ತ ಉಸ್ತುವಾರಿಯ ಬೆನ್ನಿನಲ್ಲಿ ಏನೋ ಮೆಲ್ಲಗೆ ಹರಿದಾಡಿದಂತಾಯಿತು. ಸೆಕೆಗೆ ಸೊಲ್ಯೂಷನ್ ಕರಗಿ, ತೇಪೆ ಅವನ ಅಂಗಿಗೆ ಅಂಟಿಕೊಂಡು ಕೆಳಗೆ ಜಾರುತ್ತಿತ್ತು. ಅದನ್ನು ತಡೆಯಲು ಇನ್ನಷ್ಟು ಹಿಂದೆ ಒರಗಿದ.

ದರ್ಜಿ ಅಕ್ಕನ ದಬ್ಬಣ ಅಂಚೆ ಚೀಟಿಯ ಅಂಚಿನ ಹಾಗೆ ಸಾಲಾಗಿ ತೂತು ಕೊರೆದಿತ್ತು. ಅಂಚೆ ಚೀಟಿ ಹೇಗೆ ಬಿಡುತ್ತದೋ ಗೋಡೆಯೂ ಹಾಗೇ ಬಿಟ್ಟಿತು. ‘ಪರ್ರ್’ ಎಂಬ ಸದ್ದಾಯಿತು. ಉಸ್ತುವಾರಿಯ ತಲೆ ಮತ್ತು ಭುಜ ಬೀದಿಗೆ ಹೋದವು, ಕಾಲುಗಳು ಸಭೆಯಲ್ಲೇ ಉಳಿದವು.

“ಬಂದ್ಯಾ ಹೊರಗೆ?” ಎಂದರು ಮೇಸ್ತ್ರಿ. ಅವರು ಮಧ್ಯಾಹ್ನದಿಂದ ಅಲ್ಲೇ ನಿಂತಿದ್ದರು.

ಒಳಗಿನಿಂದ ಇಬ್ಬರು ಕಾಲು ಹಿಡಿದು ಎಳೆದರು. ಅವನು ನೆಲದ ಮೇಲೆ ಕೂತು, ಕಣ್ಣು ಬಿಗಿಯಾಗಿ ಮುಚ್ಚಿಕೊಂಡ. ಬೈಗುಳಕ್ಕೆ ಕಾದ. ಬೈಗುಳ ಬರಲಿಲ್ಲ. ಗಾಳಿ ಬಂತು.

ಬೀದಿಯ ಸಂಜೆಯ ತಂಗಾಳಿ, ಹರಿದ ಬಾಯಿಯಿಂದ ಒಳಗೆ ನುಗ್ಗಿ, ವರ್ಷದ ಬಿಸಿಯನ್ನು ಬಾಗಿಲಿನಿಂದ ಆಚೆಗೆ ತಳ್ಳುತ್ತಿತ್ತು. ಅಧ್ಯಕ್ಷರ ಕರವಸ್ತ್ರ ಕತ್ತಿನ ಬಳಿಯೇ ನಿಂತಿತು.

“ಆಹಾ!” ಎಂದರು. “ಎಲ್ಲಿಂದ ಇದು?”

ಅವರು ಕುರ್ಚಿಯನ್ನು ಎಳೆದುಕೊಂಡು ತೂತಿನ ಮುಂದೆ ಹಾಕಿಕೊಂಡರು. ಕಾರ್ಯದರ್ಶಿಯೂ ಎಳೆದುಕೊಂಡರು. ಸಮಿತಿ ಪೂರ್ತಿ ಚಳಿಗೆ ಬೆಂಕಿ ಕಾಯಿಸಿಕೊಳ್ಳುವವರ ಹಾಗೆ ಆ ತೂತಿನ ಸುತ್ತ ಅರ್ಧಚಂದ್ರಾಕಾರವಾಗಿ ಕೂತಿತು. ಒಬ್ಬರು ಕೈ ಹೊರಗೆ ಹಾಕಿ ನೋಡಿದರು. ಇನ್ನೊಬ್ಬರು ತಲೆ ಹಾಕಿ ನೋಡಿ, ‘ಬೀದಿ ಚೆನ್ನಾಗಿ ಕಾಣುತ್ತೆ’ ಎಂದರು.

“ಈ ಕಟ್ಟಡಕ್ಕೆ ಕಡಿಮೆ ಇದ್ದದ್ದೇ ಇದು!” ಎಂದರು ಅಧ್ಯಕ್ಷರು. “ಇದನ್ನ ಯಾರು ಮಾಡಿದ್ದು?”

ಉಸ್ತುವಾರಿ ಒಂದು ಕಣ್ಣು ತೆರೆದ. ಇನ್ನೊಂದನ್ನೂ ತೆರೆದ. ಎದ್ದು ನಿಂತ. ಬೆನ್ನಿಗೆ ಅಂಟಿದ ಲಾರಿ ಟ್ಯೂಬಿನ ಸಮೇತ ಹೇಳಿದ:

“ನಾನೇ ಸರ್. ಬೆಳಗ್ಗೆಯಿಂದ ಪ್ರಯೋಗ ಮಾಡ್ತಿದ್ದೆ.”

“ಭೇಷ್!”

ಅಲ್ಲೇ, ಗಾಳಿಯಲ್ಲೇ ತೀರ್ಮಾನವಾಯಿತು. ಕಟ್ಟಡ ಖಾಯಂ. ಕಮಾನು ಕಮಾನಿನ ನಡುವೆ ಇಂಥದೇ ಒಂದೊಂದು ಕಿಟಕಿ. ಅಂಚು ಹೊಲಿಯಲು ದರ್ಜಿ ಅಕ್ಕ. ಮಳೆ ಬಂದಾಗ ಮುಚ್ಚಲು ರಬ್ಬರಿನ ಪರದೆ, ಅದು ಪಂಕ್ಚರ್ ಅಂಗಡಿಯವನಿಗೆ. ಕಿಟಕಿಯ ಚೌಕಟ್ಟು ಆತುಕೊಳ್ಳಲು ಎರಡೂ ಕಡೆ ಇಟ್ಟಿಗೆಯ ಕಂಬ ಬೇಕೇ ಬೇಕು ಎಂದು ಹೊರಗಿನಿಂದಲೇ ಮೇಸ್ತ್ರಿ ಕೂಗಿದರು, ಅದೂ ಆಯಿತು. “ನಾನು ಮೊದಲೇ ಹೇಳಿದ್ದೆ, ಬಟ್ಟೆ ಕಟ್ಟಡ ಒಳ್ಳೇದೇ ಅಂತ” ಎಂದೂ ಸೇರಿಸಿದರು.

ಉಸ್ತುವಾರಿ ಕೈ ಕಟ್ಟಿ ತನ್ನ ಸರದಿಗೆ ಕಾದ. ಕೊನೆಗೆ ಕಾರ್ಯದರ್ಶಿಯೇ ನೆನಪಿಸಿದರು: “ಇವನ ವಿಷಯ?”

ಅಧ್ಯಕ್ಷರು ಅಕ್ಕರೆಯಿಂದ ಅವನ ಹೆಗಲ ಮೇಲೆ ಕೈಯಿಟ್ಟರು.

“ನೋಡಪ್ಪಾ, ನಿನ್ನನ್ನ ಇಟ್ಕೊಂಡಿದ್ದು ಯಾಕೆ? ತೂತು ಬೀಳದ ಹಾಗೆ ಕಾಯೋಕೆ. ಇಷ್ಟು ದಿನ ತೂತು ಅಂದ್ರೆ ನಮಗೆಲ್ಲ ಭಯ. ಆ ಭಯಾನ ನೀನೇ ಬಿಡಿಸಿದೆ. ಇನ್ನು ನಾವೇ ದುಡ್ಡು ಕೊಟ್ಟು ತೂತು ಮಾಡಿಸೋರು. ಅಂದ್ಮೇಲೆ ಕಾಯೋಕೆ ಒಬ್ಬ ಯಾಕೆ, ಹೇಳು?”

“ತಿರುಪು ಬಿಗಿ ಮಾಡೋದು ಸರ್...”

“ಆಡೋಕೆ ಬರೋರು ಮಾಡ್ಕೋತಾರೆ. ಅದೂ ವ್ಯಾಯಾಮಾನೇ ಅಲ್ವಾ?”

ಸಮಿತಿ ಅವನಿಗಾಗಿ ಚಪ್ಪಾಳೆ ತಟ್ಟಿತು. ಬೀದಿಯಲ್ಲಿ ನಿಂತವರೂ ತಟ್ಟಿದರು.

ಅವನು ಮನೆ ತಲುಪಿದಾಗ ಹೆಂಡತಿ ಬಾಗಿಲಲ್ಲೇ ಇದ್ದಳು, ಪಕ್ಕದಲ್ಲಿ ಅವಳ ಅತ್ತಿಗೆ.

“ಏನಾಯ್ತು ರೀ? ಖಾಯಂ ಆಯ್ತಾ?”

“ಆಯ್ತು.”

“ಹೇಳಿದ್ನಲ್ಲ!” ಎಂದಳು ಹೆಂಡತಿ, ಅತ್ತಿಗೆಯ ಕಡೆ ತಿರುಗಿ.

ಉಸ್ತುವಾರಿ ಚಪ್ಪಲಿ ಬಿಡುತ್ತಾ, ತಲೆ ಎತ್ತದೆ ಹೇಳಿದ: “ಕಟ್ಟಡ ಆಯ್ತು.”